ಹಡಗು ಕಾರ್ಖಾನೆಯ ಧಣಿ ಮತ್ತು ಹಂಗಿನ ಪ್ರಶ್ನೆ

ಗಾಂಧೀಜಿಯವರ ಆತ್ಮಕಥೆಯಲ್ಲಿ ಅವರು ತಮ್ಮ ನಾಚಿಕೆಯ ಸ್ವಭಾವದ ಬಗ್ಗೆ ಹೇಳಿಕೊಳ್ಳುವ ಒಂದು ಪುಟ್ಟ ಅಧ್ಯಾಯವಿದೆ. ಸಭೆಯಲ್ಲಿ ಬಾಯಿ ಬಿಡಲಾಗದ ಹುಡುಗನ ಕಥೆಯೆಂದು ಅದನ್ನು ಓದಿ, ಸ್ವಲ್ಪ ನಕ್ಕು, ನಾವು ಮುಂದೆ ಹೋಗಿಬಿಡುತ್ತೇವೆ. ನಾನೂ ಹೋಗಿದ್ದೆ. ಹೋದ ವರ್ಷ ಬೇರೇನನ್ನೋ ಹುಡುಕುತ್ತ ಅದೇ ಪುಟಗಳಿಗೆ ಮರಳಿದಾಗ, ನಾಚಿಕೆಗಿಂತ ಭಾರವಾದ ಇನ್ನೊಂದು ಸಂಗತಿ ಅಲ್ಲಿರುವುದು ಕಂಡಿತು.

ಪ್ರಸಂಗ ಇಷ್ಟು. ಗಾಂಧೀಜಿ ಆಗ ಲಂಡನ್ನಿನಲ್ಲಿ ಕಾನೂನು ಓದುತ್ತಿದ್ದ ಇಪ್ಪತ್ತು ದಾಟಿದ ಯುವಕ. ಅಲ್ಲಿನ ಸಸ್ಯಾಹಾರಿಗಳ ಸಂಘದ ಕಾರ್ಯಕಾರಿ ಸಮಿತಿಯ ಸದಸ್ಯ. ಅದೇ ಸಂಘದಲ್ಲಿ ಡಾಕ್ಟರ್ ಅಲಿನ್ಸನ್ ಎಂಬ ವೈದ್ಯರಿದ್ದರು. ಅವರು ಸಂತಾನ ನಿಯಂತ್ರಣದ ಕೃತಕ ವಿಧಾನಗಳನ್ನು ಬೆಂಬಲಿಸಿ, ಬಡ ದುಡಿಯುವ ಜನರಿಗೆ ಅದನ್ನು ತಿಳಿಸಿಕೊಡುತ್ತಿದ್ದರು. ಸಂಘದ ಅಧ್ಯಕ್ಷರಿಗೆ ಇದು ನೀತಿಗೆಟ್ಟ ಮಾತಾಗಿ ಕಂಡಿತು. ಅಂಥವರು ಸಂಘದಲ್ಲಿರಬಾರದು ಎಂದರು. ಅಧ್ಯಕ್ಷರ ಹೆಸರು ಆರ್ನಲ್ಡ್ ಹಿಲ್ಸ್. ಥೇಮ್ಸ್ ಐರನ್‌ವರ್ಕ್ಸ್ ಎಂಬ ಹಡಗು ಕಾರ್ಖಾನೆಯ ಧಣಿ. ಸಂಘ ನಡೆಯುತ್ತಿದ್ದುದೇ ಅವರ ಹಣದಿಂದ. ಸಮಿತಿಯಲ್ಲಿ ಕೂತವರಲ್ಲಿ ಹಲವರು ಹೆಚ್ಚುಕಡಿಮೆ ಅವರ ಆಶ್ರಯದಲ್ಲಿದ್ದವರು. ಇದನ್ನೂ ಗಾಂಧೀಜಿಯೇ ದಾಖಲಿಸುತ್ತಾರೆ. ಹಿಲ್ಸರ ಬಗ್ಗೆ ಅವರಿಗೆ ಗೌರವವಿತ್ತು, ಅಲಿನ್ಸನ್ನರ ವಿಚಾರ ಅವರಿಗೂ ಒಪ್ಪಿಗೆಯಿರಲಿಲ್ಲ. ಆದರೂ ಮಾಂಸ ತಿನ್ನದಿರುವುದಕ್ಕೆ ಕೂಡಿದ ಸಂಘದಿಂದ ಒಬ್ಬನನ್ನು ಬೇರೆ ಯಾವುದೋ ನೀತಿಯ ನೆಪದಲ್ಲಿ ಹೊರಗೆ ಹಾಕುವುದು ತಪ್ಪೆಂದು ಅವರಿಗೆ ಅನ್ನಿಸಿತು. ಎದ್ದು ಹೇಳುವ ಧೈರ್ಯ ಬರಲಿಲ್ಲ, ಬರೆದುಕೊಂಡು ಹೋದರು. ಅದನ್ನು ಓದಲೂ ಆಗದೆ ಕೊನೆಗೆ ಬೇರೊಬ್ಬರು ಓದಿದರು. ಅಲಿನ್ಸನ್ ಸೋತರು.

ನನ್ನನ್ನು ಹಿಡಿದು ನಿಲ್ಲಿಸಿದ್ದು ಆ ಸಮಿತಿಯ ಉಳಿದ ಸದಸ್ಯರು. ಅವರಲ್ಲಿ ಎಷ್ಟು ಜನ ನಿಜವಾಗಿ ಹಿಲ್ಸರ ಮಾತನ್ನು ಒಪ್ಪಿದ್ದರು, ಎಷ್ಟು ಜನ ಹಿಲ್ಸರ ಅನ್ನವನ್ನು ನೆನೆದು ಕೈಯೆತ್ತಿದರು? ಆ ಹೊತ್ತಿನಲ್ಲಿ ಅವರಿಗೇ ಈ ಎರಡರ ನಡುವಿನ ವ್ಯತ್ಯಾಸ ಗೊತ್ತಿತ್ತೇ?

ಹಿಲ್ಸ್ ಕೆಟ್ಟ ಧಣಿಯಾಗಿದ್ದರೆ ಈ ಪ್ರಶ್ನೆ ಸುಲಭವಾಗುತ್ತಿತ್ತು. ಅವರು ಹಾಗಿರಲಿಲ್ಲ. ಅದಕ್ಕೇ ಅವರ ಕಾರ್ಖಾನೆಯ ಕಥೆಯನ್ನು ಸ್ವಲ್ಪ ಹೇಳಬೇಕು.

ಪೂರ್ವ ಲಂಡನ್ನಿನಲ್ಲಿ ಬೋ ಕ್ರೀಕ್ ಎಂಬ ತೊರೆ ಥೇಮ್ಸ್ ನದಿಯನ್ನು ಸೇರುವಲ್ಲಿ ಈ ಕಾರ್ಖಾನೆ ಇತ್ತು. ಅದರ ಬೇರು 1837ರಲ್ಲಿ ಡಿಚ್‌ಬರ್ನ್ ಮತ್ತು ಮೇರ್ ಎಂಬಿಬ್ಬರು ಪಾಲುದಾರರು ಶುರುಮಾಡಿದ ಉದ್ಯಮ. ಮರದ ಹಡಗುಗಳ ಕಾಲ ಮುಗಿದು ಕಬ್ಬಿಣದ ಕಾಲ ಕಣ್ತೆರೆಯುತ್ತಿದ್ದ ದಿನಗಳವು. 1853ರಲ್ಲಿ ಮೇರ್ ಇಲ್ಲಿಂದ ನೀರಿಗಿಳಿಸಿದ ‘ಹಿಮಾಲಯ’ ಎಂಬ ಪ್ರಯಾಣಿಕರ ಹಡಗು ಆ ಕಾಲಕ್ಕೆ ಹೆಸರಿಗೆ ತಕ್ಕಷ್ಟು ದೊಡ್ಡದು. ಮೂರು ವರ್ಷ ಕಳೆಯುವುದರೊಳಗೆ ಮೇರ್ ದಿವಾಳಿಯಾದರು. ಅವರ ಮಾವ ಪೀಟರ್ ರೋಲ್ಟ್ ಕೈಹಾಕಿದರು. 1857ರಲ್ಲಿ ಥೇಮ್ಸ್ ಐರನ್‌ವರ್ಕ್ಸ್ ಎಂಬ ಕಂಪನಿ ಹುಟ್ಟಿತು. 1860ರ ಡಿಸೆಂಬರ್ 29ರಂದು ಇಲ್ಲಿಂದಲೇ ‘ವಾರಿಯರ್’ ನೀರಿಗಿಳಿದದ್ದು. ಸುಮಾರು 9,000 ಟನ್ನಿನ ಕಬ್ಬಿಣದ ಒಡಲು, ಅದರ ಮೇಲೆ ಹದಿನೆಂಟು ಇಂಚು ತೇಗ, ತೇಗದ ಮೇಲೆ ನಾಲ್ಕೂವರೆ ಇಂಚು ಕಬ್ಬಿಣದ ಕವಚ. ಆ ವರ್ಷದ ಚಳಿಗೆ ಹಡಗು ಇಳಿಜಾರು ಹಾಸಿಗೇ ಹಿಮಗಟ್ಟಿ ಕಚ್ಚಿಕೊಂಡಿತ್ತಂತೆ. ಟಗ್ ದೋಣಿಗಳಿಂದ ಎಳೆಸಿ ಇಳಿಸಬೇಕಾಯಿತು. ಬ್ರಿಟಿಷ್ ನೌಕಾಪಡೆ ಹೆಮ್ಮೆಪಟ್ಟ ಆ ಹಡಗು ಕಟ್ಟಿದವರಿಗೆ ನಷ್ಟವನ್ನೇ ತಂದಿತು. ಯುದ್ಧದಲ್ಲಿ ಅದು ಒಂದು ಗುಂಡನ್ನೂ ಹಾರಿಸಲಿಲ್ಲ. ಕೊನೆಗೆ ತೈಲ ತುಂಬುವ ತೇಲುಕಟ್ಟೆಯಾಗಿ ದಶಕಗಳ ಕಾಲ ಬಿದ್ದಿದ್ದು, ಈಗ ಪೋರ್ಟ್ಸ್‌ಮತ್‌ನಲ್ಲಿ ಪ್ರದರ್ಶನಕ್ಕಿದೆ.

1866ರಲ್ಲಿ ಲಂಡನ್ನಿನ ಓವರೆಂಡ್ ಗರ್ನಿ ಎಂಬ ದೊಡ್ಡ ಹಣಕಾಸು ಸಂಸ್ಥೆ ಮುಳುಗಿತು. ಥೇಮ್ಸ್ ದಂಡೆಯ ಹಡಗು ಕಾರ್ಖಾನೆಗಳು ಒಂದಾದ ಮೇಲೊಂದು ಬಾಗಿಲು ಹಾಕಿದವು. ಕಲ್ಲಿದ್ದಲು, ಕಬ್ಬಿಣ ಸಿಗುತ್ತಿದ್ದುದು ಉತ್ತರದಲ್ಲಿ. ಲಂಡನ್ನಿನಲ್ಲಿ ಕೂಲಿಯೂ ಹೆಚ್ಚು, ನೆಲವೂ ದುಬಾರಿ. ಥೇಮ್ಸ್ ಐರನ್‌ವರ್ಕ್ಸ್ ಹೇಗೋ ಉಸಿರು ಹಿಡಿದು ನಿಂತಿತು. 1880ರಲ್ಲಿ, ಇಪ್ಪತ್ಮೂರನೆಯ ವಯಸ್ಸಿನಲ್ಲಿ, ಹಿಲ್ಸ್ ಅದರ ಆಡಳಿತಕ್ಕೆ ಬಂದರು. ಆಕ್ಸ್‌ಫರ್ಡಿನಲ್ಲಿ ಓದಿದವರು, ಇಂಗ್ಲೆಂಡ್ ತಂಡದಲ್ಲಿ ಫುಟ್ಬಾಲ್ ಆಡಿದವರು, ಹೆಂಡ ಮುಟ್ಟದವರು. ಸಿರಿವಂತರ ಬಡಾವಣೆ ಬಿಟ್ಟು ಕಾರ್ಖಾನೆಯ ಪಕ್ಕದ ಕ್ಯಾನಿಂಗ್ ಟೌನ್‌ನಲ್ಲಿ, ಕಾರ್ಮಿಕರ ನಡುವೆ, ಕೆಲವು ವರ್ಷ ಬದುಕಿದರು.

1890ರ ಆಸುಪಾಸಿನಲ್ಲಿ ಕಾರ್ಖಾನೆ ಮುಷ್ಕರಗಳಿಂದ ನಲುಗಿತು. ಹಿಲ್ಸ್ 1892ರಲ್ಲಿ ಕೂಲಿಯ ಮೇಲೆ ಲಾಭದಲ್ಲಿ ಪಾಲು ಕೊಡುವ ಯೋಜನೆ ತಂದರು. 1894ರಲ್ಲಿ ದಿನಕ್ಕೆ ಎಂಟು ಗಂಟೆ ಕೆಲಸ ಎಂದರು. ಇದು ಎಷ್ಟು ದೊಡ್ಡ ಹೆಜ್ಜೆ ಎಂದು ತಿಳಿಯಲು ಮೂರು ವರ್ಷ ಮುಂದೆ ಹೋಗಿ ನೋಡಿದರೆ ಸಾಕು: 1897ರಲ್ಲಿ ಲಂಡನ್ನಿನ ಎಂಜಿನಿಯರಿಂಗ್ ಕಾರ್ಮಿಕರು ಇದೇ ಎಂಟು ಗಂಟೆ ಕೇಳಿದಾಗ ಮಾಲೀಕರ ಒಕ್ಕೂಟ ಲಾಕೌಟ್ ಘೋಷಿಸಿ, ತಿಂಗಳುಗಟ್ಟಲೆ ಹಸಿವಿಗೆ ಕೆಡವಿ ಅವರನ್ನು ಸೋಲಿಸಿತು. ಹಿಲ್ಸ್ ಕಾರ್ಖಾನೆಗೊಂದು ಪತ್ರಿಕೆ ತಂದರು. 1895ರಲ್ಲಿ ಒಬ್ಬ ಫೋರ್‌ಮನ್ ಮುಂದಿಟ್ಟ ಯೋಚನೆಗೆ ಬೆಂಬಲ ಕೊಟ್ಟು ಕಾರ್ಮಿಕರ ಫುಟ್ಬಾಲ್ ತಂಡ ಕಟ್ಟಿದರು. ತಮ್ಮ ಹಣದಲ್ಲಿ ಮೈದಾನ ಮಾಡಿಸಿಕೊಟ್ಟರು.

ಇಂಥವರನ್ನು ಶೋಷಕ ಎಂದು ಕರೆದು ಕೈತೊಳೆದುಕೊಳ್ಳುವುದು ಸೋಮಾರಿತನ. ಹಾಗೆಂದು ಕೈಮುಗಿದು ಸುಮ್ಮನಾಗುವುದೂ ಅಷ್ಟೇ ಸೋಮಾರಿತನ. ಎಂಟು ಗಂಟೆ ಕೆಲಸ ಅಲ್ಲಿ ಕಾರ್ಮಿಕನ ಹಕ್ಕಾಗಿರಲಿಲ್ಲ, ಹಿಲ್ಸರ ಮನಸ್ಸಾಗಿತ್ತು. ಬ್ರಿಟನ್ನಿನಲ್ಲಿ ಗಣಿ ಕಾರ್ಮಿಕರಿಗೆ ಎಂಟು ಗಂಟೆಯ ಕಾನೂನು ಬಂದದ್ದೇ 1908ರಲ್ಲಿ. ಹಡಗು ಕಟ್ಟುವವನಿಗೆ ಅದೂ ಇರಲಿಲ್ಲ. ಮನಸ್ಸಿನಿಂದ ಬಂದದ್ದು ಮನಸ್ಸಿರುವವರೆಗೆ, ಅಥವಾ ಆ ಮನಸ್ಸಿನ ಬಳಿ ಹಣವಿರುವವರೆಗೆ.

ಇನ್ನೊಂದು ಘಟನೆ ನನ್ನನ್ನು ಕಾಡುತ್ತದೆ. 1898ರ ಜೂನ್ 21ರಂದು ‘ಆಲ್ಬಿಯನ್’ ಯುದ್ಧನೌಕೆಯನ್ನು ನೀರಿಗಿಳಿಸುವ ದಿನ. ಜಾತ್ರೆಗೆ ಬಂದಂತೆ ಜನ ಬಂದಿದ್ದರು. ಪಕ್ಕದ ಕಿರುಕಾಲುವೆಯ ಮೇಲಿದ್ದ ಮರದ ಅಟ್ಟಣಿಗೆ ಜನ ನಿಲ್ಲಲಿಕ್ಕಲ್ಲ ಎಂಬ ಎಚ್ಚರಿಕೆಯಿತ್ತು. ಆದರೂ ಹತ್ತಿದರು. ಹಡಗು ಜಾರಿ ನೀರಿಗೆ ಬಿದ್ದಾಗ ಎದ್ದ ಅಲೆ ಆ ಅಟ್ಟಣಿಗೆಯನ್ನು ಕಿತ್ತುಹಾಕಿತು. 30ಕ್ಕೂ ಹೆಚ್ಚು ಜನ ಸತ್ತರು. ಬಹಳಷ್ಟು ಹೆಂಗಸರು, ಮಕ್ಕಳು. ಸಂಭ್ರಮದ ಗದ್ದಲದಲ್ಲಿ ಅವರ ಕೂಗು ಸುತ್ತಲಿನವರಿಗೆ ಮೊದಲಿಗೆ ಕೇಳಿಸಲೇ ಇಲ್ಲ. ಹಿಲ್ಸರ ದಯೆಯಲ್ಲಿ ಕೊರತೆಯಿತ್ತೆಂದು ಇದು ನಡೆಯಲಿಲ್ಲ. ದಯೆ ಎಷ್ಟೇ ಇದ್ದರೂ ಅಟ್ಟಣಿಗೆಗೆ ಬೇಕಾದದ್ದು ಗಟ್ಟಿ ತಡೆಬೇಲಿ. ಧಣಿ ಒಳ್ಳೆಯವನು ಎಂಬ ಭರವಸೆ ತಡೆಬೇಲಿಯ ಕೆಲಸ ಮಾಡುವುದಿಲ್ಲ.

1911ರ ಫೆಬ್ರವರಿ 1ರಂದು ‘ಥಂಡರರ್’ ನೀರಿಗಿಳಿಯಿತು. ಥೇಮ್ಸ್ ನದಿಯಲ್ಲಿ ಕಟ್ಟಿದ ಕೊನೆಯ ದೊಡ್ಡ ಯುದ್ಧನೌಕೆ ಅದು. ಸಂಧಿವಾತದಿಂದ ಕೈಕಾಲು ಸ್ವಾಧೀನ ತಪ್ಪಿದ್ದ ಹಿಲ್ಸ್ ಇನ್ನೊಂದು ಆರ್ಡರಿಗಾಗಿ ಸರ್ಕಾರದ ಬಾಗಿಲು ಬಡಿದರು. ಸಿಗಲಿಲ್ಲ. 1912ರಲ್ಲಿ ಕಾರ್ಖಾನೆ ಮುಚ್ಚಿತು. ಲಾಭದ ಪಾಲು, ಎಂಟು ಗಂಟೆ, ಪತ್ರಿಕೆ ಎಲ್ಲವೂ ಅದರೊಂದಿಗೇ ಹೋದವು. ಉಳಿದದ್ದು ಫುಟ್ಬಾಲ್ ತಂಡ. ಹಣ ಪಡೆದು ಆಡುವುದು ಹಿಲ್ಸರಿಗೆ ಹಿಡಿಸದ ಸಂಗತಿ. ತಂಡ ಆ ದಾರಿಗೇ ಹೊರಳಿತ್ತು. 1900ರಲ್ಲಿ ಹಳೆಯ ತಂಡವನ್ನು ವಿಸರ್ಜಿಸಿ, ಷೇರುಗಳಿರುವ ಬೇರೆ ಕಂಪನಿಯಾಗಿ ವೆಸ್ಟ್ ಹ್ಯಾಮ್ ಯುನೈಟೆಡ್ ಎಂದು ಹೆಸರಿಟ್ಟರು. ಹಿಲ್ಸ್ ಕೂಡಲೇ ಕೈಬಿಡಲಿಲ್ಲ ನಿಜ. ಆದರೂ ಧಣಿಯ ಇಷ್ಟಾನಿಷ್ಟಗಳಿಂದ ಬೇರೆಯಾಗಿ ನಿಂತದ್ದಕ್ಕೇ ಅದು ಧಣಿಯ ಕಾರ್ಖಾನೆ ಮುಳುಗಿದಾಗ ಮುಳುಗಲಿಲ್ಲ. ಇವತ್ತಿಗೂ ಅದರ ಲಾಂಛನದಲ್ಲಿ ಹಡಗಿಗೆ ರಿವೆಟ್ ಹೊಡೆಯುವವರ ಎರಡು ಸುತ್ತಿಗೆಗಳಿವೆ.

ನಮ್ಮ ಭಾಷೆಯಲ್ಲಿ ಋಣ, ಹಂಗು ಎಂದು ಎರಡು ಮಾತುಗಳಿವೆ. ಹತ್ತಿರದವು, ಆದರೆ ಒಂದೇ ಅಲ್ಲ. ಋಣವನ್ನು ತೀರಿಸಬಹುದು, ಅದಕ್ಕೆ ಅಳತೆಯಿದೆ. ಹಂಗಿನಲ್ಲಿ ‘ಇರುತ್ತೇವೆ’, ಮನೆಯೊಳಗೆ ಇದ್ದಂತೆ. ಅದನ್ನು ತೀರಿಸಲು ಬರುವುದಿಲ್ಲ, ಹರಿದುಕೊಳ್ಳಬೇಕು. ಕೊಟ್ಟವನು ಕೇಳದಿದ್ದರೂ ಹಂಗು ಕೆಲಸ ಮಾಡುತ್ತಿರುತ್ತದೆ. ‘ಉಪ್ಪುಂಡ ಮನೆಗೆ ಎರಡು ಬಗೆಯಬಾರದು’ ಎಂದು ನಮಗೆ ಹೇಳಿಕೊಟ್ಟವರೇ ‘ಯಾರ ಹಂಗಿನಲ್ಲೂ ಬದುಕಬೇಡ’ ಎಂದೂ ಹೇಳಿಕೊಟ್ಟರು. ಈ ಎರಡು ಬುದ್ಧಿಮಾತುಗಳ ನಡುವೆ ಸಿಕ್ಕಿಬೀಳುವ ದಿನ ಬರುತ್ತದೆ ಎಂದು ಮಾತ್ರ ಯಾರೂ ಹೇಳಲಿಲ್ಲ.

ನನಗೆ ಆ ದಿನ ಬಂದದ್ದು ಎರಡು ವರ್ಷದ ಹಿಂದೆ. ನಾವು ಏಳೆಂಟು ಜನ ಸಂಶೋಧನಾ ವಿದ್ಯಾರ್ಥಿಗಳು ವಾರಕ್ಕೊಮ್ಮೆ ಒಬ್ಬ ಹಿರಿಯ ಮೇಷ್ಟ್ರ ಮನೆಯಲ್ಲಿ ಸೇರಿ ಹಳಗನ್ನಡ ಕಾವ್ಯ ಓದುತ್ತಿದ್ದೆವು. ಪುಸ್ತಕ ಅವರದು, ಚಹಾ ಅವರದು, ಕೆಲವೊಮ್ಮೆ ರಾತ್ರಿಯ ಊಟವೂ ಅವರದೇ. ನನ್ನ ಫೆಲೋಶಿಪ್ ಎಂಟು ತಿಂಗಳು ಬಾರದೇ ಹೋದಾಗ ರೂಮಿನ ಬಾಡಿಗೆಗೆ ಹಣ ಕೊಟ್ಟವರೂ ಅವರೇ, ನಾನು ಕೇಳಿರಲಿಲ್ಲ. ನಮ್ಮಲ್ಲೊಬ್ಬ ಗೆಳತಿ ಮದುವೆಯ ಬಗ್ಗೆ ಒಂದು ಲೇಖನ ಬರೆದಳು. ಮೇಷ್ಟ್ರಿಗೆ ಅದು ಅಸಭ್ಯವೆನ್ನಿಸಿತು. ಮುಂದಿನ ವಾರ ಅವಳು ಬರುವ ಮೊದಲೇ, “ನೋಡ್ರಪ್ಪ, ಅವಳು ಇನ್ನು ಬರೋದು ಬೇಡ ಅಂತ ನನಗನ್ನಿಸ್ತದೆ. ನಿಮಗೇನನ್ನಿಸ್ತದೆ?” ಎಂದರು. ಬೆದರಿಕೆಯಿರಲಿಲ್ಲ, ನಿಜವಾಗಿಯೇ ಕೇಳಿದ್ದರು. ನನಗೆ ಅದು ತಪ್ಪೆಂದು ಅನ್ನಿಸಿತ್ತು. ನಾನು ಕೈಯಲ್ಲಿದ್ದ ಚಹಾದ ಲೋಟ ನೋಡುತ್ತ ಕೂತೆ.

ಫೆಲೋಶಿಪ್ ಬಂದ ಮೇಲೆ ಹಣ ಹಿಂತಿರುಗಿಸಿದೆ. ನಗುತ್ತ ತೆಗೆದುಕೊಂಡರು. ಋಣ ತೀರಿತು. ಬಹಳ ದಿನದ ನಂತರ ಗೆಳತಿಗೆ ಎಲ್ಲ ಹೇಳಿದೆ. ಅವಳು, “ನೀನು ಮಾತಾಡಿದ್ರೂ ನಾನು ಹೊರಗೇ ಇರ್ತಿದ್ದೆ. ಆದ್ರೆ ಒಬ್ಬಳೇ ಅಂತ ಅನ್ನಿಸ್ತಿರಲಿಲ್ಲ” ಎಂದಳು.

ಹಾಗಾದರೆ ಯಾರಿಂದಲೂ ಏನನ್ನೂ ಪಡೆಯದೆ ಬದುಕಬೇಕೆ? ಅದು ಆಗದ ಮಾತು. ಆದರೂ ಬೇಡದ ಮಾತು. ಪಡೆಯದ ಬದುಕೆಂದರೆ ಎಲ್ಲಕ್ಕೂ ಬೆಲೆ ಕಟ್ಟಿದ ಬದುಕು. ಶ್ರೀಮಂತನ ದಾನದ ಬಗ್ಗೆ ಕಾಂಟ್ ಎತ್ತಿದ ಅನುಮಾನ ಇಲ್ಲಿ ನೆನಪಾಗುತ್ತದೆ: ಕೊಡುವ ಶಕ್ತಿ ಒಬ್ಬನಿಗಿದ್ದು ಇನ್ನೊಬ್ಬನಿಗೆ ಇಲ್ಲದಿರುವುದೇ ಬಹುಪಾಲು ಅನ್ಯಾಯದ ಫಲವಾಗಿರುವಾಗ ಆ ಕೊಡುಗೆಯನ್ನು ಔದಾರ್ಯ ಎನ್ನಬಹುದೇ ಎಂದು ಅವನು ಕೇಳುತ್ತಾನೆ. ಒಳ್ಳೆಯ ಪ್ರಶ್ನೆ. ಆದರೆ ಅದು ಕೊಡುವವನನ್ನು ಕುರಿತದ್ದು. ಪಡೆದವನು ಏನು ಮಾಡಬೇಕೆಂಬುದಕ್ಕೆ ನನಗೆ ಉತ್ತರದ ಸುಳಿವು ಸಿಕ್ಕಿದ್ದು ಮತ್ತೆ ಗಾಂಧೀಜಿಯ ಬದುಕಿನಲ್ಲೇ.

ಅಹಮದಾಬಾದಿನ ಆಶ್ರಮಕ್ಕೆ ಅಸ್ಪೃಶ್ಯ ಕುಟುಂಬವೊಂದನ್ನು ಸೇರಿಸಿಕೊಂಡಾಗ ದಾನಿಗಳು ಕೈಬಿಟ್ಟರು. ಆಗ ಒಬ್ಬ ಸೇಠರು ಕಾರಿನಲ್ಲಿ ಬಂದು 13,000 ರೂಪಾಯಿ ಕೊಟ್ಟು ಹೋದರು. ಗಾಂಧೀಜಿ ಹೆಸರು ಹೇಳುವುದಿಲ್ಲ. ಅವರು ಗಿರಣಿ ಮಾಲೀಕ ಅಂಬಾಲಾಲ್ ಸಾರಾಭಾಯಿ ಎಂದು ಈಗ ಎಲ್ಲರಿಗೂ ಗೊತ್ತು. ಕೆಲವೇ ವರ್ಷಗಳಲ್ಲಿ, 1918ರಲ್ಲಿ, ಗಿರಣಿ ಕಾರ್ಮಿಕರು ಶೇಕಡ 35ರಷ್ಟು ಕೂಲಿ ಏರಿಕೆ ಕೇಳಿದರು. ಅಂಬಾಲಾಲರ ಎದುರು ಮುಷ್ಕರ ನಡೆಸಿದವರು ಅದೇ ಗಾಂಧೀಜಿ. ಜೊತೆಗಿದ್ದವರು ಅಂಬಾಲಾಲರ ಸ್ವಂತ ಅಕ್ಕ ಅನಸೂಯಾಬೆನ್. ಲಂಡನ್ನಿನ ಸಮಿತಿಯಲ್ಲಿ ಚೀಟಿ ಹಿಡಿದು ನಡುಗಿದ ಹುಡುಗ ಇಲ್ಲಿಗೆ ಬಂದು ಮುಟ್ಟಿದ್ದ. ಆದರೆ ನನಗೆ ಇನ್ನೂ ಮುಖ್ಯವಾಗಿ ಕಾಣುವುದು ಆಮೇಲಿನ ಮಾತು. ಮುಷ್ಕರ ಸಡಿಲವಾದಾಗ ಅವರು ಉಪವಾಸ ಹೂಡಿದರು. ಮೂರು ದಿನಕ್ಕೆ ರಾಜಿಯಾಯಿತು. ಆ ಉಪವಾಸದಲ್ಲಿ ದೋಷವಿತ್ತು ಎಂದು ಅವರೇ ಒಪ್ಪಿಕೊಳ್ಳುತ್ತಾರೆ: ಮಾಲೀಕರಿಗೆ ತನ್ನ ಮೇಲೆ ಪ್ರೀತಿಯಿತ್ತು, ಆ ಪ್ರೀತಿಯೇ ಅವರ ಮೇಲೆ ಒತ್ತಡವಾಯಿತು ಎಂದು. ಹಂಗು ಎರಡೂ ಕಡೆಯಿಂದ ಹರಿಯಬಲ್ಲದು. ಪಡೆದವನೂ ಕೊಟ್ಟವನನ್ನು ಕಟ್ಟಿಹಾಕಬಲ್ಲ.

ಉಪ್ಪುಂಡ ಮನೆಗೆ ಎರಡು ಬಗೆಯಬಾರದು ಎಂಬ ಮಾತನ್ನು ಈಗ ನಾನು ಬೇರೆ ರೀತಿ ಕೇಳಿಸಿಕೊಳ್ಳುತ್ತೇನೆ. ಒಳಗೊಂದು ಅನ್ನಿಸುವಾಗ ಹೊರಗೊಂದು ತೋರಿಸುವುದೇ ಎರಡು ಬಗೆಯುವುದು. ಆ ಸಂಜೆ ಲೋಟ ನೋಡುತ್ತ ಕೂತ ನಾನು ಮೇಷ್ಟ್ರಿಗೆ ಎರಡು ಬಗೆದೆ. ಅವರು ನಿಜವಾಗಿ ಕೇಳಿದ ಪ್ರಶ್ನೆಗೆ ಉತ್ತರ ಕೊಡಲಿಲ್ಲ. ಅವರು ಕೊಟ್ಟದ್ದನ್ನು ಔದಾರ್ಯವಾಗಿ ಉಳಿಯಗೊಡದೆ, ನನ್ನ ಮೌನದ ಬೆಲೆಯನ್ನಾಗಿ ಮಾಡಿದೆ. ಹಿಲ್ಸರಿಗೂ ಅವರ ಸಮಿತಿ ಅದನ್ನೇ ಮಾಡಿರಬೇಕು. ಅಲ್ಲಿ ಅವರ ಔದಾರ್ಯಕ್ಕೆ ಮರ್ಯಾದೆ ಕೊಟ್ಟದ್ದು ಅವರ ವಿರುದ್ಧ ಬರೆದ ಆ ಒಂದು ಚೀಟಿ ಎಂದು ನನಗೆ ತೋರುತ್ತದೆ.

1914ರಲ್ಲಿ ಲಂಡನ್ನಿಗೆ ಮತ್ತೆ ಹೋದ ಗಾಂಧೀಜಿಗೆ ಪಕ್ಕೆನೋವು ಶುರುವಾಯಿತು. ಅವರು ಸಲಹೆ ಕೇಳಿದವರಲ್ಲಿ ಅದೇ ಅಲಿನ್ಸನ್ ಒಬ್ಬರು. ಕಿಟಕಿ ತೆರೆದಿಡಿ, ಹಸಿ ತರಕಾರಿ ತಿನ್ನಿ ಎಂದು ಹೇಳಿ ಉಪಚರಿಸಿದರು.

ಈ ಬರಹವನ್ನು ಇಲ್ಲಿಗೆ ಕಳಿಸುವ ಮೊದಲು ಮೇಷ್ಟ್ರಿಗೆ ಕಳಿಸಿದ್ದೇನೆ. ಎದುರು ಕೂತು ಓದುವ ಧೈರ್ಯ ನನಗೂ ಬರಲಿಲ್ಲ.