ಮಿರ್ಯಾಮಳಿಗಾಗಿ ಏಳು ದಿನ

ದೇಶ ಸುತ್ತಬೇಕು, ಕೋಶ ಓದಬೇಕು ಎಂದು ನಮ್ಮ ಹಿರಿಯರು ಹೇಳುತ್ತಿದ್ದ ಕಾಲದಲ್ಲಿ ದೇಶ ಸುತ್ತುವುದೆಂದರೆ ಬುತ್ತಿ ಕಟ್ಟಿಕೊಂಡು, ದಾರಿ ಕೇಳಿಕೊಂಡು, ಕತ್ತಲಾದಲ್ಲಿ ಕಂಡವರ ಜಗಲಿಯ ಮೇಲೆ ಮಲಗಿಕೊಂಡು ಹೋಗುವುದಾಗಿತ್ತು. ಇಂದು ಹಾಗಲ್ಲ. ದೇವಾಲಯದ ಫಲಕದಲ್ಲಿ ಪವಿತ್ರ ನಾಡಿನ ಯಾತ್ರೆಯ ಪ್ರಕಟಣೆ ಬರುತ್ತದೆ. ಹಣ ಕಟ್ಟಿದರೆ ವೀಸಾ, ವಿಮಾನ, ವಸತಿ, ಊಟ, ಹವಾನಿಯಂತ್ರಿತ ಬಸ್ಸು ಎಲ್ಲವೂ ಸಿದ್ಧ. ಬಣ್ಣದ ಕೊಡೆಯೊಂದನ್ನು ಎತ್ತಿ ಹಿಡಿದು ಮಾರ್ಗದರ್ಶಿ ಮುಂದೆ ನಡೆಯುತ್ತಾನೆ, ಕೊಡೆಯನ್ನು ನೋಡುತ್ತಾ ನಾವು ಹಿಂದೆ ನಡೆಯುತ್ತೇವೆ. ಇದನ್ನು ಯಾತ್ರೆಯೆನ್ನಬಹುದೇ ಎಂದು ಮೂಗು ಮುರಿಯುವವರು ನಮ್ಮಲ್ಲಿ ಕಡಿಮೆಯಿಲ್ಲ.

ನಾನು ಆ ಪಂಗಡಕ್ಕೆ ಸೇರಿದವನಲ್ಲ. ಮಾರ್ಗದರ್ಶಿಯ ಹಿಂದೆ ನಡೆಯುವುದು ಈ ಕಾಲದ ದೌರ್ಬಲ್ಯವೇನೂ ಅಲ್ಲ. ನಾಲ್ಕನೆಯ ಶತಮಾನದ ಕೊನೆಯಲ್ಲಿ, ಸುಮಾರು 381ರಿಂದ 384ರವರೆಗೆ, ಎಜೇರಿಯ ಎಂಬ ಮಹಿಳೆ ಪಶ್ಚಿಮ ಯುರೋಪಿನಿಂದ ಬಂದು ಈಜಿಪ್ಟ್, ಸೀನಾಯ್, ಪ್ಯಾಲೆಸ್ಟೈನ್ ಪ್ರದೇಶಗಳಲ್ಲಿ ಸಂಚರಿಸಿದಳು. ಸೀನಾಯ್ ಬೆಟ್ಟವನ್ನು ಹತ್ತುವಾಗಲೂ ನೆಬೋ ಬೆಟ್ಟಕ್ಕೆ ಹೋಗುವಾಗಲೂ ಸ್ಥಳೀಯ ಸನ್ಯಾಸಿಗಳೋ ಧರ್ಮಗುರುಗಳೋ ಆಕೆಗೆ ದಾರಿ ತೋರಿದರು. ಒಂದೊಂದು ಸ್ಥಳದಲ್ಲಿ ನಿಂತು, ಅದಕ್ಕೆ ಸಂಬಂಧಿಸಿದ ಪವಿತ್ರ ಗ್ರಂಥದ ಭಾಗವನ್ನು ಓದಿಸಿ, ಪ್ರಾರ್ಥಿಸಿ ಮುಂದೆ ಸಾಗುವುದು ಆಕೆಯ ಪದ್ಧತಿ. ಲೋಟನ ಹೆಂಡತಿ ಉಪ್ಪಿನ ಕಂಬವಾದ ಜಾಗವನ್ನು ಯಾರೋ ತೋರಿಸಿದಾಗ, ಕಂಬ ಕಾಣಲಿಲ್ಲ, ಜಾಗ ಮಾತ್ರ ಕಂಡಿತು, ಈ ವಿಷಯದಲ್ಲಿ ನಿಮ್ಮನ್ನು ವಂಚಿಸಲಾರೆ ಎಂಬರ್ಥದಲ್ಲಿ ಆಕೆ ತನ್ನೂರಿನ ಸೋದರಿಯರಿಗೆ ಬರೆದಳು. ಯಾತ್ರೆಯಿಂದ ಮರಳಿ ಬಂದವರಲ್ಲಿ ಇಂತಹ ಪ್ರಾಮಾಣಿಕತೆ ಅಪರೂಪ!

ಅಷ್ಟೇಕೆ, ಮೋಶೆಯೇ ಮಾರ್ಗದರ್ಶಿಯನ್ನು ಬೇಡಿದವನು. ಹಗಲು ಮೇಘವೂ ಇರುಳು ಅಗ್ನಿಯೂ ದಾರಿ ತೋರುತ್ತಿದ್ದರೂ ಅವನು ಮಿದ್ಯಾನಿನ ಹೋಬಾಬನನ್ನು ಕರೆದು, ಮರುಭೂಮಿಯಲ್ಲಿ ಎಲ್ಲಿ ಇಳಿದುಕೊಳ್ಳಬೇಕೆಂಬುದು ನಿನಗೆ ಗೊತ್ತು, ನೀನು ನಮಗೆ ಕಣ್ಣಾಗಿರಬೇಕು ಎಂದು ಕೇಳಿಕೊಂಡ (ಸಂಖ್ಯಾಕಾಂಡ 10:31). ದೈವಕೃಪೆಯಿದೆಯೆಂದು ಸ್ಥಳೀಯರ ತಿಳಿವಳಿಕೆಯನ್ನು ಅವನು ಕಡೆಗಣಿಸಲಿಲ್ಲ.

ಆದ್ದರಿಂದ ನನ್ನ ಪ್ರಶ್ನೆ ಮಾರ್ಗದರ್ಶಿಯನ್ನು ಕುರಿತದ್ದಲ್ಲ, ಅವನ ಹಿಂದೆ ನಡೆಯುವ ನಮ್ಮನ್ನು ಕುರಿತದ್ದು. ಗುಂಪಿನಲ್ಲಿ ನಡೆಯುವಾಗ ಪಕ್ಕದವನ ಹೊಣೆ ಯಾರದು?

2017ರ ನವೆಂಬರ್‌ನಲ್ಲಿ ನಾವು 38 ಮಂದಿ ಜೋರ್ಡಾನ್ ದೇಶಕ್ಕೆ ಹೋಗಿದ್ದೆವು. ನಮ್ಮೊಡನೆ ನೆರೆಯ ಧರ್ಮಕೇಂದ್ರದ ನಿವೃತ್ತ ಶಿಕ್ಷಕಿಯೊಬ್ಬರಿದ್ದರು. ವಯಸ್ಸು ಎಪ್ಪತ್ತು ದಾಟಿತ್ತು, ಮೊಣಕಾಲು ನೋವು ಬೇರೆ. ಎಲ್ಲರೂ ಅವರನ್ನು ಟೀಚರಮ್ಮ ಎಂದೇ ಕರೆಯುತ್ತಿದ್ದರು. ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿ ಅವರ ಮಗ ನನ್ನ ಕೈ ಹಿಡಿದುಕೊಂಡು, "ಅಮ್ಮನನ್ನು ಸ್ವಲ್ಪ ನೋಡಿಕೊಳ್ಳಿ" ಎಂದ. "ನಾವೆಲ್ಲರೂ ಇದ್ದೇವಲ್ಲ" ಎಂದು ನಾನು ಉತ್ತರಿಸಿದೆ. ಧೈರ್ಯ ತುಂಬುವ ಮಾತು ಎಂದೇ ಆಗ ಭಾವಿಸಿದ್ದೆ.

ಮೊದಲ ದಿನಗಳು ಸುಗಮವಾಗಿ ಕಳೆದವು. ಮದಾಬಾ ಪಟ್ಟಣದ ಸಂತ ಜಾರ್ಜರ ದೇವಾಲಯದ ನೆಲದಲ್ಲಿ ಆರನೆಯ ಶತಮಾನದ ಭೂಪಟವೊಂದಿದೆ. ಬಣ್ಣಬಣ್ಣದ ಕಲ್ಲಿನ ಚೂರುಗಳಿಂದ ಜೆರುಸಲೇಮಿನ ಬೀದಿಗಳನ್ನೂ ಜೋರ್ಡಾನ್ ನದಿಯ ಮೀನುಗಳನ್ನೂ ಅದರಲ್ಲಿ ಜೋಡಿಸಿದ್ದಾರೆ. ಮೃತ ಸಮುದ್ರದತ್ತ ಈಜಿದ ಮೀನೊಂದು ಉಪ್ಪು ನೀರಿಗೆ ಹೆದರಿ ಹಿಂದಕ್ಕೆ ತಿರುಗಿರುವುದನ್ನು ತೋರಿಸಿ ಟೀಚರಮ್ಮ ಮಗುವಿನಂತೆ ನಕ್ಕರು. ನೆಬೋ ಬೆಟ್ಟದಲ್ಲಿ ದಿವ್ಯ ಬಲಿಪೂಜೆ ನಡೆಯಿತು. 2000ದ ಮಾರ್ಚ್‌ನಲ್ಲಿ ಜಗದ್ಗುರು ದ್ವಿತೀಯ ಜಾನ್ ಪೌಲರು ಇದೇ ಬೆಟ್ಟದ ಮೇಲೆ ನಿಂತು ಜೋರ್ಡಾನ್ ಕಣಿವೆಯನ್ನು ನೋಡಿದ್ದರು. ನಲವತ್ತು ವರ್ಷ ಜನರನ್ನು ನಡೆಸಿದ ನಾಯಕ ತಾನು ಮಾತ್ರ ನದಿ ದಾಟದೆ ಕಣ್ಣುಮುಚ್ಚಿದ್ದು ಇಲ್ಲಿಯೇ.

ಆಮೇಲೆ ಪೆತ್ರಾ. ಎರಡು ಸಾವಿರ ವರ್ಷಗಳ ಹಿಂದೆ ನಬಾತಿಯರೆಂಬ ಅರಬ್ ವರ್ತಕರು ಮರಳುಗಲ್ಲಿನ ಬೆಟ್ಟಗಳನ್ನು ಕೊರೆದು ನಿರ್ಮಿಸಿದ ನಗರವದು. ಒಳಹೋಗಲು ಸೀಕ್ ಎಂಬ ಕಿರಿದಾದ ಕಮರಿಯಲ್ಲಿ 1.2 ಕಿಲೋಮೀಟರ್ ನಡೆಯಬೇಕು. ಎರಡೂ ಬದಿಗೆ ಕೆಂಪು ಬಂಡೆಗಳ ಗೋಡೆ, ತಲೆಯ ಮೇಲೆ ರಿಬ್ಬನ್ನಿನಂತೆ ಆಕಾಶ. ಕೊನೆಯ ತಿರುವಿನಲ್ಲಿ ಥಟ್ಟನೆ ಸುಮಾರು 40 ಮೀಟರ್ ಎತ್ತರದ ಖಜಾನೆಯ ಮುಖಮಂಟಪ ಕಾಣಿಸುತ್ತದೆ. ನೋಡಿ ಬಂದವರ ವರ್ಣನೆಗೆ ಎಂದೂ ಸಿಕ್ಕದ ದೃಶ್ಯವದು, ನಾನೂ ಪ್ರಯತ್ನಿಸುವುದಿಲ್ಲ.

ಕಮರಿಯ ಬಾಯಲ್ಲಿ ಮಾರ್ಗದರ್ಶಿ ನಮ್ಮನ್ನು ನಿಲ್ಲಿಸಿ ಒಂದು ಅಣೆಕಟ್ಟನ್ನು ತೋರಿಸಿದ. ಮರುಭೂಮಿಯಲ್ಲಿ ಮಳೆ ಅಪರೂಪ, ಆದರೆ ಬಂದಾಗ ಮಣ್ಣು ಅದನ್ನು ಹೀರುವುದಿಲ್ಲ. ಸುತ್ತಲಿನ ಬೆಟ್ಟಗಳ ನೀರೆಲ್ಲ ನಿಮಿಷಗಳಲ್ಲಿ ಕಣಿವೆಗೆ ನುಗ್ಗುತ್ತದೆ. ಇದನ್ನರಿತ ನಬಾತಿಯರು ಕಟ್ಟೆ ಕಟ್ಟಿ, ಬಂಡೆಯಲ್ಲಿ ಸುರಂಗ ಕೊರೆದು ಪ್ರವಾಹವನ್ನು ಬೇರೆಡೆಗೆ ತಿರುಗಿಸಿದ್ದರು. ಕಾಲಾಂತರದಲ್ಲಿ ಆ ಕಟ್ಟೆ ಹಾಳಾಯಿತು. 1963ರ ಏಪ್ರಿಲ್‌ನಲ್ಲಿ ಫ್ರಾನ್ಸಿನ ಯಾತ್ರಿಕರ ತಂಡವೊಂದು ಕಮರಿಯಲ್ಲಿದ್ದಾಗ ನೀರು ನುಗ್ಗಿ ಇಪ್ಪತ್ತಕ್ಕೂ ಹೆಚ್ಚು ಮಂದಿ ಮಡಿದರು. ಅವರೊಡನೆ ಪ್ರಾಣಬಿಟ್ಟವರಲ್ಲಿ ಬೈಬಲ್ ವಿದ್ವಾಂಸರಾಗಿದ್ದ ಧರ್ಮಗುರು ಜಾನ್ ಸ್ಟೈನ್‌ಮನ್ ಒಬ್ಬರು. ಆ ಬಳಿಕವೇ ಕಟ್ಟೆಯನ್ನು ಮತ್ತೆ ಕಟ್ಟಿದ್ದು. ನಾವು ಹೋಗಿಬಂದ ಮರುವರ್ಷ, 2018ರ ನವೆಂಬರ್‌ನಲ್ಲಿ, ಮತ್ತೆ ಪ್ರವಾಹ ಬಂದು ಮೂರು ಸಾವಿರಕ್ಕೂ ಹೆಚ್ಚು ಪ್ರವಾಸಿಗರನ್ನು ಪೆತ್ರಾದಿಂದ ತೆರವು ಮಾಡಬೇಕಾಯಿತು.

ಖಜಾನೆಯ ಮುಂದೆ ನಮಗೆ ಸ್ವತಂತ್ರವಾಗಿ ಸುತ್ತಾಡಲು ಸಮಯ ಸಿಕ್ಕಿತು. ಎರಡು ಗಂಟೆಗೆ ಸರಿಯಾಗಿ ಬಸ್ಸಿನಲ್ಲಿರಬೇಕು, ಸೂರ್ಯಾಸ್ತದೊಳಗೆ ವಾದಿ ರಮ್ ಮರುಭೂಮಿಯನ್ನು ತಲಪಬೇಕು ಎಂಬುದು ಕಟ್ಟಪ್ಪಣೆ. ಟೀಚರಮ್ಮ ಕಲ್ಲಿನ ಮೇಲೆ ಕುಳಿತು, "ನೀವು ಹೋಗಿ ನೋಡಿ ಬನ್ನಿ, ನಾನು ಇಲ್ಲೇ ಇರುತ್ತೇನೆ" ಎಂದರು. ಆ ಮಾತಿಗಾಗಿಯೇ ಕಾದಿದ್ದವನಂತೆ ನಾನು ಹೊರಟೆ. ರಾಜರ ಸಮಾಧಿಗಳನ್ನೂ ಬಂಡೆಯಲ್ಲಿ ಕೊರೆದ ರಂಗಮಂದಿರವನ್ನೂ ನೋಡಿ ಮರಳಿದಾಗ ಅವರು ಕಲ್ಲಿನ ಮೇಲೆ ಇರಲಿಲ್ಲ. ಯಾರಾದರೂ ಕರೆದುಕೊಂಡು ಹೋಗಿರಬೇಕು ಎಂದುಕೊಂಡೆ. ಎಂದುಕೊಂಡೆನೇ ಹೊರತು ಯಾರನ್ನೂ ಕೇಳಲಿಲ್ಲ.

ಬಸ್ಸಿನಲ್ಲಿ ಎಣಿಸಿದಾಗ 37. ಮತ್ತೆ ಎಣಿಸಿದರು, ಮತ್ತೆ 37. ಆಗ ತಿಳಿದು ಬಂದ ಸಂಗತಿ ಇದು: ಅವರು ನನ್ನೊಡನೆ ಇದ್ದಾರೆಂದು ಹೆಂಗಸರು ಭಾವಿಸಿದ್ದರು, ಹೆಂಗಸರೊಡನೆ ಇದ್ದಾರೆಂದು ನಾನು ಭಾವಿಸಿದ್ದೆ, ಮಾರ್ಗದರ್ಶಿಯೊಡನೆ ಇದ್ದಾರೆಂದು ಉಳಿದವರು. ನಮ್ಮಲ್ಲಿ ಯಾರೂ ಅವರನ್ನು ಬಿಟ್ಟು ಬಂದಿರಲಿಲ್ಲ. ಆದರೂ ಅವರು ಬಿಟ್ಟುಹೋಗಿದ್ದರು.

ಮಾರ್ಗದರ್ಶಿಯೂ ನಾನೂ ಹಿಂದಕ್ಕೆ ಓಡಿದೆವು. ಬೆಟ್ಟದಾಚೆ ಮೋಡ ಕಟ್ಟಿತ್ತು. ಬೆಳಿಗ್ಗೆ ಕೇಳಿದ ಪ್ರವಾಹದ ಕಥೆ ಈಗ ಕಥೆಯಾಗಿ ಉಳಿದಿರಲಿಲ್ಲ. ಆದರೂ ಒಪ್ಪಿಕೊಳ್ಳಬೇಕಾದದ್ದು, ಆ ಕಮರಿಯಲ್ಲಿ ನನಗೆ ಮೊದಲು ಬಂದದ್ದು ಭಯವಲ್ಲ, ಕೋಪ. ಈ ವಯಸ್ಸಿನಲ್ಲಿ ಇವರಿಗೆ ಯಾತ್ರೆ ಏಕೆ ಬೇಕಿತ್ತು ಎಂಬ ಕೋಪ. ಭಯ ಬಂದದ್ದು ಆಮೇಲೆ. ಅದರಲ್ಲಿಯೂ ಅರ್ಧ ಅವರಿಗಾಗಿ, ಅರ್ಧ ಅವರ ಮಗನಿಗೆ ಏನು ಹೇಳಲಿ ಎಂಬುದಕ್ಕಾಗಿ.

ಖಜಾನೆಯ ಬಳಿ ತಲಪುವಾಗ ಎದುರಿನಿಂದ ಒಂದು ಕತ್ತೆ ಬಂತು. ಮೇಲೆ ಟೀಚರಮ್ಮ, ಪಕ್ಕದಲ್ಲಿ ಹಗ್ಗ ಹಿಡಿದ ಹುಡುಗ. ಶೌಚಾಲಯ ಹುಡುಕುತ್ತಾ ಹೋದವರು ದಾರಿ ತಪ್ಪಿ ಒಳಗೊಳಗೆ ಸಾಗಿದ್ದರು. ಮೊಣಕಾಲು ಸೋತು ಕುಸಿದಾಗ ಚಹಾ ಮಾರುವ ಬೆದೂಯಿನ್ ಹೆಂಗಸೊಬ್ಬಳು ತನ್ನ ಗುಡಾರದ ನೆರಳಿನಲ್ಲಿ ಕೂರಿಸಿ, ಚಹಾ ಕೊಟ್ಟು, ಮಗನೊಡನೆ ಕಳುಹಿಸಿದ್ದಳು. ಈ ಜನ ಹಿಂದೆ ಪೆತ್ರಾದ ಗುಹೆಗಳಲ್ಲಿಯೇ ವಾಸಿಸುತ್ತಿದ್ದವರು. 1980ರ ದಶಕದಲ್ಲಿ ಸರ್ಕಾರ ಅವರನ್ನು ಹತ್ತಿರದ ಹೊಸ ಹಳ್ಳಿಗೆ ಸಾಗಿಸಿತು. ಅವರ ಬದುಕು ಪ್ರವಾಸಿಗರನ್ನೇ ನಂಬಿದೆ. 2023ರ ಅಕ್ಟೋಬರ್‌ನಲ್ಲಿ ಗಾಜಾ ಯುದ್ಧ ಆರಂಭವಾಗಿ ಪೆತ್ರಾಕ್ಕೆ ಬರುವವರ ಸಂಖ್ಯೆ ಕುಸಿದ ಸುದ್ದಿ ಓದಿದಾಗ ನನಗೆ ನೆನಪಾದದ್ದು ಆ ಹೆಂಗಸು. ಹುಡುಗ ಕತ್ತೆಯ ಬಾಡಿಗೆಯನ್ನು ಕೇಳಿ ಪಡೆದ. ಬಸ್ಸಿನಲ್ಲಿ ಇದನ್ನು ಹೇಳಿದಾಗ ಒಬ್ಬರು, "ಅಷ್ಟಕ್ಕೇ ತಾನೇ ಕರೆತಂದದ್ದು" ಎಂದರು. ಯೇಸುಸ್ವಾಮಿಯ ಸಾಮತಿಯಲ್ಲಿ ಛತ್ರದವನಿಗೂ ಎರಡು ಬೆಳ್ಳಿನಾಣ್ಯ ಸಂದಿತ್ತು. ಅದಕ್ಕಾಗಿ ಅವನನ್ನು ಯಾರೂ ಹೀಗಳೆದದ್ದಿಲ್ಲ.

ಬಸ್ಸು ಹೊರಟಾಗ ನಾಲ್ಕು ಗಂಟೆಯಾಗುತ್ತಾ ಬಂದಿತ್ತು. ವಾದಿ ರಮ್‌ನ ಸೂರ್ಯಾಸ್ತ ತಪ್ಪಿತು. ಹಿಂದಿನ ಆಸನಗಳಲ್ಲಿ ಗೊಣಗಾಟ ಎದ್ದಿತು: ಒಬ್ಬರಿಗಾಗಿ 37 ಮಂದಿಗೆ ನಷ್ಟವಾಗಬೇಕೇ? ಎಲ್ಲರೂ ಹಣ ಕೊಟ್ಟು ಬಂದವರಲ್ಲವೇ?

ಈ ಮಾತನ್ನು ಕ್ಷುಲ್ಲಕವೆಂದು ತಳ್ಳಿಹಾಕಲಾರೆ. ಜೀವಮಾನದ ಉಳಿತಾಯವನ್ನು ಸುರಿದು ಬಂದವರು ಅದರಲ್ಲಿದ್ದರು. ಮತ್ತೆ ಆ ಮರುಭೂಮಿಯನ್ನು ನೋಡುವ ಭಾಗ್ಯ ಅವರಿಗಿಲ್ಲ. ವೇಳಾಪಟ್ಟಿ ಎಂಬುದು ಬರೀ ವ್ಯಾಪಾರವಲ್ಲ, ಒಬ್ಬನ ಸೋಮಾರಿತನ ಇತರರ ಸಮಯವನ್ನು ಕದಿಯದಂತೆ ತಡೆಯುವ ನ್ಯಾಯವೂ ಹೌದು. ಆದರೆ ಒಬ್ಬರನ್ನು ಒಂದು ಕಡೆಗೂ ಬಹುಮಂದಿಯನ್ನು ಇನ್ನೊಂದು ಕಡೆಗೂ ಇಟ್ಟು ತೂಗುವ ತಕ್ಕಡಿ ಶುಭಸಂದೇಶದಲ್ಲಿ ಯಾರ ಕೈಯಲ್ಲಿತ್ತು? ಜನರೆಲ್ಲರಿಗಾಗಿ ಒಬ್ಬನು ಸಾಯುವುದು ಮೇಲೆಂದ ಕಾಯಫನ ಕೈಯಲ್ಲಿ. ಸೂರ್ಯಾಸ್ತದ ವಿಷಯಕ್ಕೆ ಕಾಯಫನನ್ನು ಎಳೆತರುವುದು ಅತಿಯಾಯಿತು ಎನ್ನುವಿರೇನೋ. ನಷ್ಟ ಸಣ್ಣದಿರುವಾಗಲೇ ಆ ತಕ್ಕಡಿ ಕೈಗೆ ಬಂದರೆ, ದೊಡ್ಡದಾದಾಗ ಅದನ್ನು ಕೆಳಗಿಡುವೆವೆಂದು ನನಗೆ ನಂಬಿಕೆಯಿಲ್ಲ.

ತಪ್ಪಿಹೋದ ಕುರಿಯ ಸಾಮತಿಯನ್ನು ನಾವು ಚಿತ್ರಗಳಲ್ಲಿ ನೋಡುವಾಗ ಉಳಿದ ತೊಂಬತ್ತೊಂಬತ್ತು ಎಲ್ಲೋ ಹಟ್ಟಿಯಲ್ಲಿ ಸುಖವಾಗಿವೆ ಎಂದುಕೊಳ್ಳುತ್ತೇವೆ. ಸಂತ ಲೂಕರು ಹಾಗೆ ಹೇಳುವುದಿಲ್ಲ. ಕುರುಬನು ಅವುಗಳನ್ನು ಬಿಟ್ಟುಹೋಗುವುದು ಬೆಂಗಾಡಿನಲ್ಲಿ (ಲೂಕ 15:4). ಒಂದನ್ನು ಹುಡುಕುವುದರ ಬೆಲೆಯನ್ನು ತೊಂಬತ್ತೊಂಬತ್ತೂ ತೆರುತ್ತವೆ, ಬಯಲಿನಲ್ಲಿ ಕಾಯುವುದರ ಮೂಲಕ.

ಅಂದು ರಾತ್ರಿ ವಾದಿ ರಮ್‌ನ ಬಿಡಾರದಲ್ಲಿ ನಿದ್ರೆ ಬಾರದೆ ಸಂಖ್ಯಾಕಾಂಡವನ್ನು ತೆರೆದೆ. ಮರುಭೂಮಿಯ ಯಾತ್ರೆಯ ಕಥೆ ಎಂಬುದಷ್ಟೇ ಅದಕ್ಕೆ ಕಾರಣ. ಆ ಗ್ರಂಥ ಎಣಿಕೆಯಿಂದಲೇ ಆರಂಭವಾಗುತ್ತದೆ: ಇಪ್ಪತ್ತು ವರ್ಷಕ್ಕೆ ಮೇಲ್ಪಟ್ಟು ಯುದ್ಧಕ್ಕೆ ಹೋಗಬಲ್ಲ ಗಂಡಸರು 6,03,550. ಹೆಂಗಸರು ಆ ಲೆಕ್ಕದಲ್ಲಿಲ್ಲ, ಲೇವಿಯರೂ ಇಲ್ಲ. ಹನ್ನೆರಡನೆಯ ಅಧ್ಯಾಯದಲ್ಲಿ ಲೇವಿ ಕುಲದ ಹೆಂಗಸು ಮಿರ್ಯಾಮ ತಮ್ಮನಾದ ಮೋಶೆಯ ವಿರುದ್ಧ ಮಾತನಾಡಿ, ಕುಷ್ಠ ತಗಲಿ, ಏಳು ದಿನ ಪಾಳೆಯದ ಹೊರಗಿರಬೇಕಾಗುತ್ತದೆ. ತಪ್ಪು ಆಕೆಯದೇ. ಆಕೆ ಯಾವ ಎಣಿಕೆಯಲ್ಲಿಯೂ ಸೇರಿದವಳಲ್ಲ. ಆದರೂ ಆಕೆ ಮರಳಿ ಬರುವ ತನಕ ಜನರು ಅಲ್ಲಿಂದ ಕದಲಲಿಲ್ಲ ಎಂದು ಗ್ರಂಥ ಒಂದೇ ವಾಕ್ಯದಲ್ಲಿ ಹೇಳಿ ಮುಂದೆ ಹೋಗುತ್ತದೆ (12:15). ವಾಗ್ದತ್ತ ನಾಡಿನ ದಾರಿಯಲ್ಲಿ ಆರು ಲಕ್ಷ ಗಂಡಸರು, ಅವರ ಕುಟುಂಬಗಳು, ದನಕರುಗಳು, ಎಲ್ಲವೂ ಏಳು ದಿನ ನಿಂತವು. ಈ ವಾಕ್ಯವನ್ನು ಹಿಂದೆ ಎಷ್ಟೋ ಸಲ ಓದಿದ್ದೆ. ಬಸ್ಸಿನೊಳಗೆ ಕಾದ ಮೇಲೆ ಅದರ ಭಾರ ತಿಳಿಯಿತು.

ಅದೇ ಗ್ರಂಥ ದಾನ್ ಕುಲದ ದಂಡು ಎಲ್ಲರಿಗಿಂತ ಹಿಂದೆ ಬರಬೇಕೆಂದು ಗೊತ್ತುಮಾಡುತ್ತದೆ (10:25). ಮುಂದೆ ನಡೆಯುವವನಿಗೆ ಕೊಡೆ ಕೊಟ್ಟ ನಾವು ಹಿಂದೆ ನಡೆಯಲು ಯಾರನ್ನೂ ನೇಮಿಸಿರಲಿಲ್ಲ. ಅಮಾಲೇಕ್ಯರನ್ನು ಕುರಿತು ಧರ್ಮೋಪದೇಶಕಾಂಡ ಅಷ್ಟೊಂದು ಕಟುವಾಗಿರುವುದು ಏಕೆಂಬುದೂ ಆಗ ಹೊಳೆಯಿತು: ದಣಿದು ಹಿಂದುಳಿದಿದ್ದ ಬಲಹೀನರ ಮೇಲೆ ಅವರು ಬಿದ್ದರು (25:18). ಹಿಂದುಳಿದವರು ಹಾಗೆ ಒಂಟಿಯಾದದ್ದು ಹೇಗೆ, ಮುಂದಿನವರು ಒಮ್ಮೆಯಾದರೂ ತಿರುಗಿ ನೋಡಿದ್ದರೇ ಎಂಬುದನ್ನು ಗ್ರಂಥ ಹೇಳುವುದಿಲ್ಲ.

ಮಾರ್ಗದರ್ಶಿ ಅಂದೇ ಸಂಜೆ ಟೀಚರಮ್ಮನ ಬಳಿ ಕ್ಷಮೆ ಕೇಳಿದ್ದ. ನಿಜವಾಗಿ ನೋಡಿದರೆ ಅವನ ತಪ್ಪು ಎಲ್ಲರಿಗಿಂತ ಕಡಿಮೆ. ನಾನು ಕೇಳಿದ್ದು ಮರುದಿನ ಬೆಳಿಗ್ಗೆ. ಮರಳಿನ ಮೇಲೆ ಬಿಸಿಲು ಆಗತಾನೆ ಇಳಿಯುತ್ತಿತ್ತು. "ನಲವತ್ತು ಮಕ್ಕಳನ್ನು ಪ್ರವಾಸಕ್ಕೆ ಕರೆದೊಯ್ದವಳು ನಾನು. ಒಮ್ಮೆ ಹಳೇಬೀಡಿನಲ್ಲಿ ಒಬ್ಬ ಹುಡುಗನನ್ನು ಬಿಟ್ಟು ಹೊರಟಿದ್ದೆ. ಎರಡು ಮೈಲಿ ಹೋದ ಮೇಲೆ ನೆನಪಾಯಿತು" ಎಂದರು. ಆ ಹುಡುಗ ಸಿಕ್ಕಿದನೇ ಎಂದು ಕೇಳಿದೆ. "ಸಿಕ್ಕಿದ. ಆದರೆ ಮುಂದೆ ನನ್ನ ಹತ್ತಿರ ಮಾತಾಡುವುದನ್ನು ಕಡಿಮೆ ಮಾಡಿದ." ಅವರು ನನ್ನನ್ನು ಕ್ಷಮಿಸಿದರೋ ಇಲ್ಲವೋ ಎಂಬುದು ಆ ಉತ್ತರದಿಂದ ನನಗೆ ಇಂದಿಗೂ ಸ್ಪಷ್ಟವಾಗಿಲ್ಲ.

ಮಧ್ಯಾಹ್ನ ಊಟ ಮುಗಿಸಿ ಅಕಾಬಾಕ್ಕೆ ಹೊರಡಬೇಕಿತ್ತು. ಈಗ ಎಲ್ಲರೂ ಎಚ್ಚರ. ಮಾರ್ಗದರ್ಶಿ ಎಣಿಸಿದ, ನಮ್ಮ ಧರ್ಮಗುರುಗಳೂ ಎಣಿಸಿದರು. 38 ಸರಿಯಾಗಿತ್ತು. ಬಸ್ಸು ಶುರುವಾಯಿತು. ಮುಂದಿನ ಆಸನದಲ್ಲಿ ಕುಳಿತಿದ್ದ ಟೀಚರಮ್ಮ ಹಿಂದಿರುಗಿ, "ಈ ಚಾಲಕರ ಊಟವಾಯಿತೇ?" ಎಂದು ಕೇಳಿದರು. ಐದು ದಿನ ನಮ್ಮನ್ನು ಹೊತ್ತು ತಿರುಗಿದ ಮನುಷ್ಯ ಎಲ್ಲಿ ಉಣ್ಣುತ್ತಾನೆಂಬುದು ನಮ್ಮಲ್ಲಿ ಒಬ್ಬರಿಗೂ ಗೊತ್ತಿರಲಿಲ್ಲ. ಮಾರ್ಗದರ್ಶಿ ಅರಬಿಯಲ್ಲಿ ವಿಚಾರಿಸಿದ. ಆಗಿರಲಿಲ್ಲ. ಬಸ್ಸಿನ ಯಂತ್ರ ನಿಂತಿತು. ನಾವು ಒಬ್ಬೊಬ್ಬರಾಗಿ ಇಳಿದು, ಬಂಡೆಯ ನೆರಳಿನಲ್ಲಿ ನಿಂತು ಕಾದೆವು.