ತಿದ್ದಲಾಗದ ತೀರ್ಪು: ಕರ್ಮ, ದಂಡ ಮತ್ತು ಕಣ್ಣಗಿಯ ಬೆಟ್ಟ

ಮರಣದಂಡನೆಯನ್ನು ಕುರಿತ ಚರ್ಚೆ ಬಹುಮಟ್ಟಿಗೆ ಅಪರಾಧಿಯ ಸುತ್ತಲೇ ನಡೆಯುತ್ತದೆ. ಅವನು ಮಾಡಿದ್ದು ಎಷ್ಟು ಘೋರ, ಅದಕ್ಕೆ ತಕ್ಕ ಶಿಕ್ಷೆ ಯಾವುದು, ಅವನ ಸಾವಿನಿಂದ ಉಳಿದವರಲ್ಲಿ ಭಯ ಹುಟ್ಟೀತೇ ಎಂಬ ಪ್ರಶ್ನೆಗಳೇ ಮುಂದೆ ನಿಲ್ಲುತ್ತವೆ. ಧರ್ಮಚಿಂತನೆಗೆ ಇವುಗಳಿಗಿಂತ ಮೊದಲು ಎದುರಾಗುವುದು ದಂಡಿಸುವವನನ್ನು ಕುರಿತ ಪ್ರಶ್ನೆ. ಒಬ್ಬ ಮನುಷ್ಯನ ಪ್ರಾಣ ತೆಗೆಯಲು ಆಜ್ಞೆ ಕೊಡುವವನು ಆ ಆಜ್ಞೆ ತಪ್ಪಾಗಿದ್ದರೆ ಅದರ ಹೊಣೆಯನ್ನು ಹೇಗೆ ಹೊರುತ್ತಾನೆ, ಸತ್ತವನು ತನ್ನ ಪೂರ್ವಕರ್ಮದ ಫಲವನ್ನೇ ಉಂಡನೆಂದು ಹೇಳಿದ ಮಾತ್ರಕ್ಕೆ ಆ ಹೊಣೆ ಕಳಚಿಹೋಗುತ್ತದೆಯೇ ಎಂಬುದನ್ನು ದಕ್ಷಿಣ ಭಾರತದ ಪ್ರಾಚೀನ ಗ್ರಂಥಗಳಲ್ಲಿ ಅತ್ಯಂತ ತೀಕ್ಷ್ಣವಾಗಿ ಕೇಳಿದ್ದು ತಮಿಳಿನ ‘ಶಿಲಪ್ಪದಿಕಾರ’.

ಆ ಕಾವ್ಯದ ನೆನಪು ಇಂದಿಗೂ ನೆಲಕ್ಕೆ ಅಂಟಿಕೊಂಡಿರುವ ಸ್ಥಳವೊಂದು ತೇಣಿ ಜಿಲ್ಲೆಯ ಕಂಬಂ ಕಣಿವೆಯ ಮೇಲಿದೆ. ಗೂಡಲೂರು ಮತ್ತು ಕುಮಳಿಗಳ ನಡುವಿನ ಗಿರಿಸಾಲಿನಲ್ಲಿ, ತಮಿಳುನಾಡು ಮತ್ತು ಕೇರಳ ಎರಡೂ ತಮ್ಮದೆಂದು ವಾದಿಸುವ ಗಡಿಯಲ್ಲಿ, ಸಮುದ್ರಮಟ್ಟದಿಂದ 1,300 ಮೀಟರಿಗೂ ಎತ್ತರದಲ್ಲಿರುವ ಮಂಗಳಾದೇವಿ ಕಣ್ಣಗಿಯ ಗುಡಿ ವರ್ಷಕ್ಕೊಮ್ಮೆ, ಚಿತ್ರಾ ಪೌರ್ಣಮಿಯಂದು ಮಾತ್ರ, ಭಕ್ತರಿಗೆ ತೆರೆದಿರುತ್ತದೆ. ಗಂಡನ ವಧೆಗೆ ಮುನಿದು ಮಧುರೆಯನ್ನು ಸುಟ್ಟ ಬಳಿಕ ಕಾವ್ಯದ ನಾಯಕಿ ಕಣ್ಣಗಿ ವೈಗೈ ನದಿಯ ದಡ ಹಿಡಿದು ಪಡುವಣಕ್ಕೆ ನಡೆದು, ಚೇರರ ಮಲೆಯನ್ನೇರಿ, ಹದಿನಾಲ್ಕನೆಯ ದಿನ ಗಂಡನೊಡನೆ ಸ್ವರ್ಗಕ್ಕೆ ಹೋದಳೆಂದು ಕಾವ್ಯ ಹೇಳುವ ಬೆಟ್ಟ ಇದೇ ಎಂಬುದು ಕಣಿವೆಯ ಜನರ ನಂಬಿಕೆ. ಈ ಕಣಿವೆಯಲ್ಲಿ ತಮಿಳರ ಜೊತೆಗೆ ಮನೆಮಾತಾಗಿ ಕನ್ನಡವನ್ನು ಉಳಿಸಿಕೊಂಡ ಕಪ್ಪಿಲಿಯರೂ ತಲೆಮಾರುಗಳಿಂದ ಬೇಸಾಯ ಮಾಡಿಕೊಂಡು ಬಂದಿದ್ದಾರೆ.

ಕಾವ್ಯದ ಹದಿನಾರನೆಯ ಅಧ್ಯಾಯ ವಧೆಯನ್ನು ವರ್ಣಿಸುತ್ತದೆ. ಕಣ್ಣಗಿಯ ಗಂಡ ಕೋವಲನು ಅವಳ ಕಾಲಂದುಗೆಯೊಂದನ್ನು ಮಾರಲು ಮಧುರೆಯ ಬೀದಿಗೆ ಬಂದಾಗ, ರಾಣಿಯ ಕಾಲಂದುಗೆಯನ್ನು ತಾನೇ ಕದ್ದಿದ್ದ ಅರಮನೆಯ ಅಕ್ಕಸಾಲಿ ಅವನ ಮೇಲೆ ಕಳ್ಳತನ ಹೊರಿಸುತ್ತಾನೆ. ಮುನಿದ ರಾಣಿಯನ್ನು ಸಮಾಧಾನಪಡಿಸಲು ಹೊರಟಿದ್ದ ಪಾಂಡ್ಯರಾಜ ನೆಡುಂಜೆಳಿಯನು, ಕಾಲಂದುಗೆ ಅವನ ಕೈಯಲ್ಲಿದ್ದರೆ ಕೊಂದು ಅದನ್ನು ತನ್ನಿರೆಂದು ದಾರಿಯಲ್ಲೇ ಆಜ್ಞೆ ಕೊಟ್ಟುಬಿಡುತ್ತಾನೆ. ವಿಚಾರಣೆಯಿಲ್ಲ, ಸಾಕ್ಷಿಯಿಲ್ಲ, ಆರೋಪಿಯ ಮಾತನ್ನು ಕೇಳುವವರಿಲ್ಲ. ಆದರೂ ಕೊಲ್ಲಲು ಬಂದ ಭಟರು ಅಳುಕುತ್ತಾರೆ. ಈತನ ಚಹರೆ ನೋಡಿದರೆ ಕಳ್ಳನಂತೆ ಕಾಣುವುದಿಲ್ಲವೆಂದು ಅವರು ಹೇಳಿದಾಗ ಅಕ್ಕಸಾಲಿ ಚೌರ್ಯಶಾಸ್ತ್ರವನ್ನೇ, ಅಂದರೆ ಕಳ್ಳತನದ ವಿದ್ಯೆಯನ್ನು ಕ್ರಮವಾಗಿ ಹೇಳುವ ಗ್ರಂಥಪರಂಪರೆಯನ್ನೇ, ಅವರ ಮುಂದಿಡುತ್ತಾನೆ. ಮಂತ್ರ, ದೈವ, ಮದ್ದು, ಶಕುನ, ತಂತ್ರ, ಸ್ಥಳ, ಕಾಲ, ಉಪಕರಣ ಎಂಬ ಎಂಟು ಬಲಗಳು ಕಳ್ಳನಿಗಿರುವುದರಿಂದ ಅವನು ಸಾಧುವಿನಂತೆ ತೋರುವುದೇ ಅವನು ಕಳ್ಳನೆಂಬುದಕ್ಕೆ ಗುರುತು ಎಂಬ ವಾದವನ್ನು ಅವನು ಕಟ್ಟುತ್ತಾನೆ. ಕಳ್ಳತನವನ್ನು ವಿವರಿಸುವ ಶಾಸ್ತ್ರ ಹೀಗೆ ನಿರಪರಾಧಿಯನ್ನು ಕೊಲ್ಲಿಸುವ ಸಾಧನವಾಗುತ್ತದೆ. ಭಟರಲ್ಲಿ ಕುಡಿದಿದ್ದ ಅವಿವೇಕಿಯೊಬ್ಬ ಮುಂದೆ ನುಗ್ಗಿ ಕತ್ತಿ ಬೀಸುವುದರೊಂದಿಗೆ ಸಂಶಯಕ್ಕೆ ಜಾಗವೇ ಉಳಿಯುವುದಿಲ್ಲ.

ಸತ್ಯ ತಿಳಿಯುವುದು ಆಮೇಲೆ. ಕಣ್ಣಗಿ ಉಳಿದ ಒಂದು ಕಾಲಂದುಗೆಯೊಡನೆ ಅರಮನೆಗೆ ಬಂದು, ತನ್ನದರೊಳಗಿರುವುದು ಮಾಣಿಕ್ಯವೆನ್ನುತ್ತಾಳೆ. ರಾಣಿಯದರೊಳಗಿದ್ದುದು ಮುತ್ತೆಂದು ರಾಜನೇ ಒಪ್ಪುತ್ತಾನೆ. ಕಾಲಂದುಗೆ ಒಡೆದಾಗ ಮಾಣಿಕ್ಯ ಚಿಮ್ಮುತ್ತದೆ. ತಾನೇ ಕಳ್ಳನೆಂದು ಒಪ್ಪಿಕೊಂಡ ರಾಜನು ಸಿಂಹಾಸನದ ಮೇಲೆಯೇ ಕುಸಿದು ಪ್ರಾಣ ಬಿಡುತ್ತಾನೆ. ಕೋವಲನ ಪ್ರಾಣ ಹೋಗುವ ಮೊದಲು ಇಷ್ಟೇ ಸುಲಭವಾಗಿ ನಡೆಸಬಹುದಾಗಿದ್ದ ಪರೀಕ್ಷೆಯನ್ನು ಕವಿ ಇಳಂಗೋ ಅಡಿಗಳ್ ವಧೆಯ ನಂತರವೇ ಇಟ್ಟಿರುವುದು ಆಕಸ್ಮಿಕವಲ್ಲ.

ತಾತ್ವಿಕ ತೊಡಕು ಏಳುವುದು ಇದಾದ ಮೇಲೆ. ಕಣ್ಣಗಿ ಹಚ್ಚಿದ ಬೆಂಕಿಯಲ್ಲಿ ಉರಿಯುವ ನಗರದಲ್ಲಿ ಮಧುರೆಯ ಅಧಿದೇವತೆ ಕಣ್ಣಗಿಗೆ ಕೋವಲನ ಹಿಂದಿನ ಜನ್ಮದ ಕಥೆ ಹೇಳುತ್ತಾಳೆ: ಕಳಿಂಗದ ಸಿಂಗಪುರದಲ್ಲಿ ಭರತನೆಂಬ ರಾಜಸೇವಕನಾಗಿದ್ದಾಗ ಅವನು ಸಂಗಮನೆಂಬ ವ್ಯಾಪಾರಿಯನ್ನು ಶತ್ರುವಿನ ಗೂಢಚಾರನೆಂದು ದೂರಿ ಕೊಲ್ಲಿಸಿದ್ದ, ಸಂಗಮನ ಹೆಂಡತಿ ನೀಲಿ ಹದಿನಾಲ್ಕು ದಿನ ಗೋಳಾಡಿ, ಶಪಿಸಿ, ಬೆಟ್ಟದಿಂದ ಹಾರಿ ಸತ್ತಿದ್ದಳು. ಕರ್ಮಸಿದ್ಧಾಂತ, ಅಂದರೆ ಮಾಡಿದ ಕ್ರಿಯೆ ತನ್ನ ಫಲವನ್ನು ಕರ್ತೃವಿಗೆ ಉಣಿಸದೆ ಬಿಡದೆಂಬ ನಿಯಮ, ಇಲ್ಲಿ ಕೋವಲನ ಸಾವಿಗೆ ಪೂರ್ಣ ವಿವರಣೆಯನ್ನು ಒದಗಿಸುತ್ತದೆ. ಹಾಗಾದರೆ ಪಾಂಡ್ಯನ ತಪ್ಪೇನು, ಅವನು ಕರ್ಮದ ಕೈಯಲ್ಲಿದ್ದ ಕತ್ತಿ ಮಾತ್ರವಲ್ಲವೇ ಎಂದು ಕೇಳಬಹುದು. ಕಾವ್ಯ ಆ ವಾದಕ್ಕೆ ಎಡೆ ಕೊಡುವುದಿಲ್ಲ. ಅದರ ಪೀಠಿಕೆಯೇ, ಕರ್ಮ ಫಲ ಕೊಡದೆ ಇರದೆಂಬ ತತ್ತ್ವದ ಪಕ್ಕದಲ್ಲಿ, ರಾಜಧರ್ಮದಲ್ಲಿ ತಪ್ಪಿದವನಿಗೆ ಧರ್ಮವೇ ಯಮನಾಗುತ್ತದೆಂಬ ತತ್ತ್ವವನ್ನೂ ಇಡುತ್ತದೆ. ಕರ್ಮ ಸತ್ತವನ ಲೆಕ್ಕಕ್ಕೆ ಸೇರಿದ್ದು, ಆಜ್ಞೆ ಕೊಟ್ಟವನ ಲೆಕ್ಕ ಬೇರೆ. ಇನ್ನೂ ಗಮನಿಸಬೇಕಾದದ್ದೆಂದರೆ, ಕೋವಲನ ಹಿಂದಿನ ಪಾಪವೂ ಸುಳ್ಳು ದೂರಿನಿಂದ ರಾಜಾಜ್ಞೆಯಂತೆ ನಡೆದ ವಧೆಯೇ. ಅಂದರೆ ಒಂದು ತಪ್ಪು ಮರಣದಂಡನೆ ಇನ್ನೊಂದಕ್ಕೆ ಬೀಜವಾಗುತ್ತದೆ. ಪಾಂಡ್ಯನ ಉತ್ತರಾಧಿಕಾರಿ ಕಣ್ಣಗಿಯ ಶಾಂತಿಗಾಗಿ ಒಂದೇ ದಿನ ಸಾವಿರ ಅಕ್ಕಸಾಲಿಗಳನ್ನು ಬಲಿಕೊಟ್ಟನೆಂಬ ಮಾತು ಕಾವ್ಯದಲ್ಲಿ ಬರುವಾಗ ಈ ಸರಪಣಿ ಎಷ್ಟು ಉದ್ದಕ್ಕೆ ಬೆಳೆಯಬಲ್ಲದೆಂಬುದು ಕಾಣುತ್ತದೆ. ಒಬ್ಬ ಅಕ್ಕಸಾಲಿಯ ಅಪರಾಧಕ್ಕೆ ಒಂದು ಕಸುಬಿನವರೆಲ್ಲ ತಲೆ ಕೊಡಬೇಕಾಯಿತು.

ಕೊಲ್ಲುವವನ ಹೊಣೆಯನ್ನು ಜೈನರೂ ಚಿಂತಿಸಿದ್ದಾರೆ; ಕಂಬಂ ಕಣಿವೆಯಲ್ಲಿ ಅವರ ನೆಲೆಯೂ ಹಳೆಯದು. ಉತ್ತಮಪಾಳಯದ ಬಂಡೆಯ ಮೇಲೆ ತೀರ್ಥಂಕರರ ಸಾಲುಬಿಂಬಗಳೂ ವಟ್ಟೆಳುತ್ತು ಲಿಪಿಯ ಬರಹಗಳೂ ಇವೆ. ದಿಂಡಿಗಲ್ ಜಿಲ್ಲೆಯಲ್ಲಿ ಪಳನಿಗೆ ಸಮೀಪದ ಐವರ್‌ಮಲೆಯಲ್ಲಿ ಪಾಂಡ್ಯ ವರಗುಣನ ಕಾಲದ, ಶಕವರ್ಷ 792ರ, ಅಂದರೆ ಕ್ರಿ.ಶ. 870ರ ಜೈನ ಶಾಸನವಿದೆ. ಕನ್ನಡ ನಾಡಿನ ಜೈನರೂ ತಮಿಳು ಜೈನರೂ ಸಮಾನವಾಗಿ ಗೌರವಿಸುವ ಸಮಂತಭದ್ರರ ‘ರತ್ನಕರಂಡಕ ಶ್ರಾವಕಾಚಾರ’ ಅಹಿಂಸಾಣುವ್ರತಕ್ಕೆ, ಅಂದರೆ ಗೃಹಸ್ಥನು ತನ್ನ ಮಿತಿಯಲ್ಲಿ ಪಾಲಿಸುವ ಅಹಿಂಸೆಗೆ, ಉದಾಹರಣೆಯಾಗಿ ಹೆಸರಿಸುವುದು ಒಬ್ಬ ಮಾತಂಗನನ್ನು, ಅಂದರೆ ಚಾಂಡಾಲನನ್ನು. ವ್ಯಾಖ್ಯಾನಕಾರರು ಹೇಳುವ ಕಥೆಯಂತೆ ಯಮಪಾಲನೆಂಬ ಆ ಮಾತಂಗನ ವೃತ್ತಿ ಅಪರಾಧಿಗಳನ್ನು ಕೊಲ್ಲುವುದೇ. ಚತುರ್ದಶಿಯಂದು ಕೊಲ್ಲುವುದಿಲ್ಲವೆಂಬ ವ್ರತ ಹಿಡಿದಿದ್ದ ಅವನು, ರಾಜನೇ ತಪ್ಪಿತಸ್ಥನಾದ ತನ್ನ ಮಗನನ್ನು ಕೊಲ್ಲೆಂದು ಆಜ್ಞಾಪಿಸಿದಾಗಲೂ ಒಪ್ಪದೆ, ಮೊಸಳೆಗಳಿರುವ ಮಡುವಿಗೆ ನೂಕಿಸಿಕೊಳ್ಳುತ್ತಾನೆ, ಮತ್ತು ದೈವಕೃಪೆಯಿಂದ ಉಳಿಯುತ್ತಾನೆ. ಇಲ್ಲಿ ಶಿಕ್ಷೆಗೆ ಗುರಿಯಾದವನು ನಿರಪರಾಧಿಯೇನಲ್ಲ, ಆಜ್ಞೆಯೂ ಅಕ್ರಮವಲ್ಲ. ಆದರೂ ಕೊಲ್ಲುವ ಕೈಗೆ ಕೊಲೆಯ ಕರ್ಮ ಅಂಟುತ್ತದೆಂಬುದೇ ಕಥೆಯ ತಿರುಳು. ಜನ್ನನ ‘ಯಶೋಧರ ಚರಿತೆ’ಯಲ್ಲಿ ಹಿಟ್ಟಿನ ಕೋಳಿಯನ್ನು ಕಡಿದ ಸಂಕಲ್ಪವೊಂದೇ ತಾಯಿಮಕ್ಕಳನ್ನು ಜನ್ಮಜನ್ಮಗಳಲ್ಲಿ ಅಲೆಸುತ್ತದೆ ಎಂಬುದನ್ನು ಬಲ್ಲ ಕನ್ನಡದ ಓದುಗರಿಗೆ ಈ ತರ್ಕ ಹೊಸದಲ್ಲ.

ಇದಕ್ಕೆ ಎದುರಾದ ವಾದವೂ ಇದೇ ಪರಂಪರೆಗಳಲ್ಲಿ ಬಲವಾಗಿದೆ. ಕೊಲ್ಲದಿರುವುದನ್ನು ಒಂದು ಅಧ್ಯಾಯದುದ್ದಕ್ಕೂ ಹೊಗಳುವ ‘ತಿರುಕ್ಕುರಳ್’ ರಾಜನೀತಿಯ ಭಾಗದಲ್ಲಿ, ಕ್ರೂರಿಗಳನ್ನು ಮರಣದಿಂದ ದಂಡಿಸುವುದು ಪೈರಿನ ನಡುವಿನ ಕಳೆ ಕೀಳುವುದಕ್ಕೆ ಸಮವೆನ್ನುತ್ತದೆ. ಮನುಸ್ಮೃತಿಯಂತೂ ರಾಜದಂಡಕ್ಕೆ ಒಳಗಾದ ಪಾಪಿ ಶುದ್ಧನಾಗಿ ಸ್ವರ್ಗಕ್ಕೆ ಹೋಗುತ್ತಾನೆಂದು ಹೇಳಿ ದಂಡವನ್ನು ಪ್ರಾಯಶ್ಚಿತ್ತದ ಸ್ಥಾನಕ್ಕೇರಿಸುತ್ತದೆ. ಕೊಲೆಯಾದವನ ಮನೆಯವರ ಸಂಕಟವನ್ನೂ ದುರ್ಬಲರನ್ನು ಕಾಯಬೇಕಾದ ಅರಸನ ಕರ್ತವ್ಯವನ್ನೂ ಮರೆತ ಅಹಿಂಸೆ ಪೊಳ್ಳೆಂಬುದು ಈ ಪಕ್ಷದ ಸತ್ತ್ವ, ಅದನ್ನು ಲಘುವಾಗಿ ತಳ್ಳಿಹಾಕಲಾಗದು. ಮಹಾಭಾರತದ ಶಾಂತಿಪರ್ವದಲ್ಲಿ ದ್ಯುಮತ್ಸೇನನೂ ಅವನ ಮಗ ಸತ್ಯವಂತನೂ ಇದನ್ನೇ ಚರ್ಚಿಸುತ್ತಾರೆ. ದಸ್ಯುಗಳನ್ನು ಕೊಲ್ಲದಿದ್ದರೆ ಲೋಕವ್ಯವಹಾರ ನಡೆಯದೆಂದು ತಂದೆ ಹೇಳಿದರೆ, ಒಬ್ಬನನ್ನು ಕೊಂದಾಗ ಅವನ ತಾಯಿ, ತಂದೆ, ಹೆಂಡತಿ, ಮಕ್ಕಳು ಎಂಬ ನಿರಪರಾಧಿಗಳೂ ಕೊಲ್ಲಲ್ಪಡುತ್ತಾರೆಂದು ಮಗ ಉತ್ತರಿಸುತ್ತಾನೆ. ಶಿಲಪ್ಪದಿಕಾರ ಈ ಮಾತನ್ನು ಹೆಸರುಗಳಿಂದಲೇ ತುಂಬಿಸಿದಂತಿದೆ: ರಾಜರಾಣಿಯರ ಜೊತೆಗೆ, ದಂಪತಿಗೆ ಆಶ್ರಯ ಕೊಟ್ಟಿದ್ದ ಗೊಲ್ಲತಿ ಮಾದರಿ ಬೆಂಕಿಗೆ ಬೀಳುತ್ತಾಳೆ, ಜೈನ ಸಂನ್ಯಾಸಿನಿ ಕವುಂದಿ ಅನ್ನ ತೊರೆದು ಪ್ರಾಣ ಬಿಡುತ್ತಾಳೆ, ಹುಟ್ಟೂರಾದ ಪುಹಾರಿನಲ್ಲಿ ಕೋವಲ ಕಣ್ಣಗಿಯರ ತಾಯಂದಿರೂ ಸಾಯುತ್ತಾರೆ, ತಂದೆಯರು ಸಂಸಾರ ಬಿಡುತ್ತಾರೆ.

ಧರ್ಮಶಾಸ್ತ್ರಕಾರರು ನ್ಯಾಯಾಲಯ ತಪ್ಪಬಹುದೆಂಬುದನ್ನು ಬಲ್ಲವರಾಗಿದ್ದರು. ಕಲ್ಯಾಣದ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರ ‘ಮಿತಾಕ್ಷರ’ ವ್ಯಾಖ್ಯೆಯನ್ನು ಬರೆದ ಯಾಜ್ಞವಲ್ಕ್ಯಸ್ಮೃತಿ, ಕೆಟ್ಟದಾಗಿ ತೀರ್ಮಾನವಾದ ವ್ಯಾಜ್ಯವನ್ನು ರಾಜನು ಮತ್ತೆ ವಿಚಾರಿಸಿ, ಗೆದ್ದವನೊಡನೆ ಸಭ್ಯರನ್ನೂ, ಅಂದರೆ ತೀರ್ಪು ಕೊಟ್ಟ ಸಭಾಸದರನ್ನೂ ದಂಡಿಸಬೇಕೆನ್ನುತ್ತದೆ. ರಾಜನೇ ಅನ್ಯಾಯವಾಗಿ ದಂಡ ವಸೂಲು ಮಾಡಿದ್ದರೆ ಅದರ ಮೂವತ್ತು ಪಟ್ಟನ್ನು ವರುಣನಿಗೆ ಅರ್ಪಿಸಿ ದಾನ ಮಾಡಬೇಕೆಂದೂ ವಿಧಿಸುತ್ತದೆ. ಹಣಕ್ಕೆ ಮೂವತ್ತು ಪಟ್ಟಿನ ಲೆಕ್ಕ ಸಾಧ್ಯ; ಅನ್ಯಾಯವಾಗಿ ತೆಗೆದ ಪ್ರಾಣಕ್ಕೆ ಅಂಥ ಲೆಕ್ಕವನ್ನು ಯಾವ ಶಾಸ್ತ್ರವೂ ಹಾಕಲಾರದು.

ವಾಸ್ತವಾಂಶದಲ್ಲಿ ತಪ್ಪಿಲ್ಲದಿದ್ದರೂ ದಂಡಿಸುವ ಅಧಿಕಾರವೇ ಪ್ರಶ್ನಾರ್ಹವಾಗಬಹುದೆಂಬುದಕ್ಕೆ ದಿಂಡಿಗಲ್ಲಿನ ಚರಿತ್ರೆ ಸಾಕ್ಷಿ. 1755ರಲ್ಲಿ ಹೈದರಾಲಿ ಫೌಜುದಾರನಾಗಿ ಬಂದ ಇಲ್ಲಿನ ಕೋಟೆ, 1792ರ ಶ್ರೀರಂಗಪಟ್ಟಣದ ಒಪ್ಪಂದದಿಂದ ಈಸ್ಟ್ ಇಂಡಿಯಾ ಕಂಪನಿಯ ಪಾಲಾಯಿತು. ವಿರೂಪಾಕ್ಷಿಯ ಪಾಳೆಯಗಾರ ಗೋಪಾಲ ನಾಯಕ ಸುತ್ತಲಿನ ಪಾಳೆಯಗಳನ್ನು ಕೂಡಿಸಿ ಕಂಪನಿಯ ವಿರುದ್ಧ ನಿಂತನು, ಕನ್ನಡ ನಾಡಿನಲ್ಲಿ ಹೋರಾಡುತ್ತಿದ್ದ ಧೋಂಡಿಯ ವಾಘನೊಡನೆಯೂ ಆ ಕೂಟ ಸಂಪರ್ಕ ಬೆಳೆಸಿತ್ತು ಎಂಬುದನ್ನು ಇತಿಹಾಸಕಾರ ಕೆ. ರಾಜಯ್ಯನ್ ದಕ್ಷಿಣ ಭಾರತದ 1800–1801ರ ಬಂಡಾಯವನ್ನು ಕುರಿತ ತಮ್ಮ ಗ್ರಂಥದಲ್ಲಿ ವಿವರಿಸಿದ್ದಾರೆ. 1801ರಲ್ಲಿ ನಾಯಕನನ್ನು ದಿಂಡಿಗಲ್ಲಿನಲ್ಲಿ ಗಲ್ಲಿಗೇರಿಸಲಾಯಿತು. ಊರಿನ ಗೋಪಾಲಸಮುದ್ರದ ಕೆರೆಗೆ ಅವನ ಹೆಸರೇ ಉಳಿದಿದೆಯೆಂದು ಜನ ಹೇಳುತ್ತಾರೆ. 1831ರಲ್ಲಿ ನಂದಗಡದಲ್ಲಿ ನೇಣಿಗೇರಿದ ಸಂಗೊಳ್ಳಿ ರಾಯಣ್ಣನ ವಿಷಯದಲ್ಲೂ ಆದದ್ದು ಇದೇ. ಬಂಡೆದ್ದರೆಂಬುದು ಇಬ್ಬರ ವಿಷಯದಲ್ಲೂ ನಿಜ. ಆದರೆ ವಾದಿಯೇ ನ್ಯಾಯಾಧೀಶನಾಗಿದ್ದ ಆ ತೀರ್ಪನ್ನು ಮುಂದಿನ ತಲೆಮಾರುಗಳು ಒಪ್ಪದೆ ಅಪರಾಧವೆಂಬುದನ್ನು ಬಲಿದಾನವೆಂದು ಕರೆದವು. ಗಲ್ಲು ಅಪರಾಧದ ಒಂದು ವ್ಯಾಖ್ಯೆಯನ್ನು ಶಾಶ್ವತವಾಗಿಸಲು ಹೊರಡುತ್ತದೆ, ವ್ಯಾಖ್ಯೆಗಳು ಮಾತ್ರ ಶಾಶ್ವತವಾಗಿ ನಿಲ್ಲುವುದಿಲ್ಲ.

ತೀರ್ಪು ತಪ್ಪೀತೆಂಬ ಅಳುಕನ್ನು ಇಂದಿನ ಭಾರತದ ಕಾನೂನೂ ಅರಿತಿದೆ. 1980ರ ಬಚನ್ ಸಿಂಗ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಮರಣದಂಡನೆಯನ್ನು ಸಂವಿಧಾನಬದ್ಧವೆಂದು ಎತ್ತಿಹಿಡಿಯಿತಾದರೂ, ಅದು ಅಪರೂಪದಲ್ಲಿ ಅಪರೂಪದ ಪ್ರಕರಣಕ್ಕೆ ಮಾತ್ರ ಸಲ್ಲಬೇಕೆಂದೂ ಅಪರಾಧದ ಜೊತೆಗೆ ಅಪರಾಧಿಯ ಪರಿಸ್ಥಿತಿಯನ್ನೂ ತೂಗಬೇಕೆಂದೂ ಹೇಳಿತು. ಆದರೆ 1996ರಲ್ಲಿ ರಾಜಸ್ಥಾನದ ಪ್ರಕರಣವೊಂದರಲ್ಲಿ ಅದೇ ನ್ಯಾಯಾಲಯದ ಪೀಠವೊಂದು ಅಪರಾಧದ ಸ್ವರೂಪವೊಂದನ್ನೇ ನೋಡಿದರೆ ಸಾಕೆಂದು ಗಲ್ಲನ್ನು ಖಾಯಂಗೊಳಿಸಿತು. ಆ ನಿಲುವು ಬಚನ್ ಸಿಂಗ್ ತೀರ್ಪಿಗೆ ವಿರುದ್ಧವಾಗಿತ್ತೆಂದು ನ್ಯಾಯಾಲಯವೇ 2009ರಲ್ಲಿ ಒಪ್ಪಿಕೊಳ್ಳುವ ಹೊತ್ತಿಗೆ ಅಪರಾಧಿ ಗಲ್ಲಿಗೇರಿ ವರ್ಷಗಳೇ ಸಂದಿದ್ದವು. ಅಲ್ಲಿ ತಪ್ಪಿದ್ದು ಅಪರಾಧದ ನಿರ್ಣಯವಲ್ಲ, ಶಿಕ್ಷೆಯ ನಿರ್ಣಯ. ಆದರೂ ಮಾಣಿಕ್ಯ ಕಂಡದ್ದು ವಧೆಯ ಬಳಿಕವೇ. 2015ರಲ್ಲಿ ಕಾನೂನು ಆಯೋಗ ತನ್ನ 262ನೆಯ ವರದಿಯಲ್ಲಿ, ಭಯೋತ್ಪಾದನೆ ಮತ್ತು ಯುದ್ಧ ಹೂಡಿದ ಅಪರಾಧಗಳನ್ನು ಬಿಟ್ಟು ಉಳಿದೆಲ್ಲಕ್ಕೂ ಮರಣದಂಡನೆಯನ್ನು ರದ್ದುಪಡಿಸುವಂತೆ ಶಿಫಾರಸು ಮಾಡಿತು.

ಶಿಲಪ್ಪದಿಕಾರದ ಜೋಡಿಕಾವ್ಯವೆನಿಸಿದ ‘ಮಣಿಮೇಕಲೆ’ಯಲ್ಲಿ, ಕೋವಲನ ಮಗಳೇ ಆದ ಬೌದ್ಧ ಭಿಕ್ಷುಣಿ ಚೋಳರಾಜನನ್ನು ಬೇಡಿ ಸೆರೆಮನೆಯನ್ನು ಧರ್ಮದ ಮನೆಯಾಗಿ ಮಾರ್ಪಡಿಸುತ್ತಾಳೆ. ಆದರ್ಶವೆನಿಸಿದರೂ ಅದರ ಹಿಂದಿನ ವಿವೇಕ ಸರಳ: ಬದುಕಿರುವವನ ವಿಷಯದಲ್ಲಿ ಮಾತ್ರ ತಪ್ಪನ್ನು ತಿದ್ದಿಕೊಳ್ಳಲು ದಂಡಿಸುವವನಿಗೂ ದಂಡಿತನಿಗೂ ಅವಕಾಶವಿರುತ್ತದೆ. ಪಾಂಡ್ಯರಾಜನಿಗೆ ಆ ಅವಕಾಶ ಉಳಿದಿರಲಿಲ್ಲ, ಆದ್ದರಿಂದ ತನ್ನ ಪ್ರಾಣವನ್ನೇ ತೆತ್ತ. ಹಾಗೆ ತೆರಬಲ್ಲವನಿಗೆ ಮಾತ್ರ ಪ್ರಾಣದಂಡದ ಅಧಿಕಾರ ಸಲ್ಲೀತೆಂಬುದು ಕಾವ್ಯದ ಕಠಿಣ ಸೂಚನೆ. ಆಧುನಿಕ ರಾಜ್ಯದಲ್ಲಿ ಹೊಣೆ ತನಿಖಾಧಿಕಾರಿ, ವಕೀಲ, ಮೂರು ಹಂತದ ನ್ಯಾಯಾಧೀಶರು, ರಾಷ್ಟ್ರಪತಿ, ನೇಣು ಬಿಗಿಯುವವ ಎಂದು ಹಂಚಿಹೋಗಿ, ತಪ್ಪು ಹೊರಬಿದ್ದ ದಿನ ಅದು ತನ್ನದೆನ್ನಲು ಒಬ್ಬನೂ ಇರುವುದಿಲ್ಲ. ತಪ್ಪಿದ ನ್ಯಾಯಾಧೀಶನು ಪ್ರಾಣ ತೆರಬೇಕೆಂದು ಇಂದು ಯಾರೂ ಬಯಸುವುದಿಲ್ಲ, ಬಯಸಲೂ ಬಾರದು. ಅಪರಾಧಿ ಸಾವಿಗೆ ಅರ್ಹನೇ ಎಂಬ ವಾದ ಎಲ್ಲಿಗೇ ಮುಟ್ಟಲಿ, ತಪ್ಪಿದರೆ ಹೊರುವವರೇ ಇಲ್ಲದ ಅಧಿಕಾರವನ್ನು ಚಲಾಯಿಸುವುದು ಧರ್ಮವೆನಿಸದು.