ವೇಷಧಾರಿಯ ಮಾತು

(ಪುತ್ತೂರಿನ ಪರ್ಲಡ್ಕ, ಕಾರಂತರ ಬಾಲವನ. ತಾಳಮದ್ದಳೆಯಲ್ಲಿ ಅರ್ಥ ಹೇಳುವ ನಿವೃತ್ತ ಮಾಷ್ಟ್ರು. ಸುಳ್ಯದಲ್ಲಿ ನಾಟಕ ಆಡಿಸುವ ಅವರ ಶಿಷ್ಯೆ.)

ಶಿಷ್ಯೆ: ಮಾಷ್ಟ್ರೇ, ಶಿವರಾಮ ಕಾರಂತರು ಕಾದಂಬರಿ ಬರೆದರು, ಗೀತನಾಟಕ ಬರೆದು ಆಡಿಸಿದರು, ತಾವೂ ಕುಣಿದರು. 1930ರ ಹೊತ್ತಿಗೆ ‘ಡೊಮಿಂಗೋ’, ಆಮೇಲೆ ‘ಭೂತರಾಜ್ಯ’ ಅಂತ ಮೂಕಿ ಚಿತ್ರಗಳನ್ನೂ ಮಾಡಿದರು. ಬರೆಯುವವನೇ ಆಡಬೇಕು, ಆಡಿಸಬೇಕು ಅನ್ನುವ ಹಟ ಯಾಕೆ?

ಮಾಷ್ಟ್ರು: ಹಟ ಅಂತ ಯಾಕೆ ಹೇಳುತ್ತಿ? ನಮ್ಮ ಯಕ್ಷಗಾನದ ಆಟದಲ್ಲಿ ಆಡುವವನೇ ಬರೆಯುವವನೂ ಹೌದು. ಭಾಗವತರು ಪದ ಹೇಳಿ ನಿಲ್ಲಿಸಿದ ಮೇಲೆ ವಾಲಿ ಏನು ಮಾತಾಡಬೇಕು ಅಂತ ಪ್ರಸಂಗದಲ್ಲಿ ಇರುವುದಿಲ್ಲ. ಮರೆಯಿಂದ ಬಾಣ ಬಿಟ್ಟ ರಾಮನನ್ನು ಹೇಗೆ ಕೇಳಬೇಕು, ಎಷ್ಟು ಕೇಳಬೇಕು, ಎಲ್ಲಿ ಸೋಲಬೇಕು, ಅದೆಲ್ಲ ಅರ್ಥಧಾರಿ ಅಲ್ಲೇ ಕಟ್ಟಬೇಕು. ಎದುರಿನ ರಾಮ ಕೊಟ್ಟ ಉತ್ತರದ ಮೇಲೆ ಇವನ ಮುಂದಿನ ಮಾತು. ಅರ್ಥಧಾರಿ ಶೇಣಿ ಗೋಪಾಲಕೃಷ್ಣ ಭಟ್ಟರ ವಾಲಿಯನ್ನು ಕೇಳಿದವರಿಗೆ ಇದು ಗೊತ್ತು.

ಶಿಷ್ಯೆ: ಹಾಗಾದರೆ ಕಾರಂತರು ಯಕ್ಷಗಾನದಿಂದ ಆ ಮಾತನ್ನೇ ತೆಗೆದರಲ್ಲ?

ಮಾಷ್ಟ್ರು: ನನ್ನ ತಕರಾರು ಇರುವುದು ಅಲ್ಲೇ. ‘ಯಕ್ಷಗಾನ ಬಯಲಾಟ’ ಬರೆದು 1959ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆದವರು ಅವರು. ಅಷ್ಟು ತಿಳಿದವರೇ ಯಕ್ಷಗಾನವನ್ನು ಬ್ಯಾಲೆ ಮಾಡುವಾಗ ಇಡೀ ರಾತ್ರಿಯ ಆಟವನ್ನು ಕೆಲವು ತಾಸಿಗೆ ಇಳಿಸಿದರು, ಪಿಟೀಲು, ಸ್ಯಾಕ್ಸೋಫೋನ್ ಸೇರಿಸಿದರು. ಅದಕ್ಕೆಲ್ಲ ನನ್ನ ವಿರೋಧ ಇಲ್ಲ. ಆದರೆ ವೇಷಧಾರಿಯ ಮಾತು ಹೋದಾಗ ಅವನೊಳಗಿನ ಕವಿ ಹೋದ. ಉಳಿದ ಕವಿ ನಿರ್ದೇಶಕ ಒಬ್ಬನೇ.

ಶಿಷ್ಯೆ: ಕನ್ನಡ ಬಾರದವರ ಮುಂದೆ ಆಡಬೇಕಾದರೆ? ರಾಗ, ಹೆಜ್ಜೆ, ಕಣ್ಣು ಇವಿಷ್ಟೇ ದಾಟುವುದು. ಚಾಪ್ಲಿನ್ ಕೂಡ 1931ರಲ್ಲಿ, ಟಾಕಿ ಬಂದ ಮೇಲೂ, ‘ಸಿಟಿ ಲೈಟ್ಸ್’ಗೆ ಮಾತು ಹಾಕಲಿಲ್ಲ. ಅವನೂ ತಾನೇ ಬರೆದು, ಆಡಿ, ನಿರ್ದೇಶಿಸಿದವನು.

ಮಾಷ್ಟ್ರು: ಚಾಪ್ಲಿನ್ ಬಿಟ್ಟದ್ದು ತನ್ನ ಮಾತನ್ನು. ಇವರು ಬಿಡಿಸಿದ್ದು ಇನ್ನೊಬ್ಬರದ್ದನ್ನು. ಎರಡೂ ಒಂದೇ ಅಲ್ಲ.

ಶಿಷ್ಯೆ: ಕಾರಂತರು ತಮ್ಮದನ್ನೂ ಬಿಟ್ಟಿದ್ದಾರೆ, ಮಾಷ್ಟ್ರೇ. ‘ಕುಡಿಯರ ಕೂಸು’ ಓದಿದ್ದೀರಿ. ಮಲೆ, ಮಳೆ, ಏಲಕ್ಕಿ ಕಾಡು, ಮಲೆಕುಡಿಯರ ಬದುಕು, ಪುಟಗಟ್ಟಲೆ ಅವರದ್ದೇ ಮಾತು. 1978ರಲ್ಲಿ, ಎಪ್ಪತ್ತೈದು ದಾಟಿದ ವಯಸ್ಸಿನಲ್ಲಿ, ಅದನ್ನು ಅವರೇ ‘ಮಲೆಯ ಮಕ್ಕಳು’ ಅಂತ ಸಿನಿಮಾ ಮಾಡಿದರು. ಕಾದಂಬರಿಕಾರನ ಆ ವರ್ಣನೆ ತೆರೆಯ ಮೇಲೆ ಹೇಗೆ ಬಂದೀತು? ಕಾಡು ಕಾಣಿಸಿದರೆ ಮುಗಿಯಿತು. ಅಂದರೆ ಅರ್ಥಧಾರಿಗೆ ಹೇಳಿದ್ದನ್ನೇ ತಮಗೂ ಹೇಳಿಕೊಂಡರು.

ಮಾಷ್ಟ್ರು: (ಸ್ವಲ್ಪ ತಡೆದು) ಅದನ್ನು ಒಪ್ಪಲೇಬೇಕು. ಪ್ರತಿ ಮಾಧ್ಯಮಕ್ಕೂ ಅದರದೇ ಭಾಷೆ ಅಂತ ನಂಬಿದವರು ಅವರು. ಆ ನಂಬಿಕೆಯಿಂದ ತಮ್ಮನ್ನು ಹೊರಗಿಡಲಿಲ್ಲ. ತನ್ನ ಆತ್ಮಕಥೆಗೆ ‘ಹುಚ್ಚು ಮನಸ್ಸಿನ ಹತ್ತು ಮುಖಗಳು’ ಅಂತ ಹೆಸರಿಟ್ಟ ಮನುಷ್ಯ ಒಂದು ಮುಖಕ್ಕಾಗಿ ಇನ್ನೊಂದನ್ನು ಬಿಟ್ಟುಕೊಡಬಲ್ಲ. ಆದರೂ ಕಾದಂಬರಿ ಪುಸ್ತಕದಲ್ಲಿ ಹಾಗೇ ಉಳಿಯುತ್ತದೆ, ಮಗಾ. ಸಿನಿಮಾ ಬಂದದ್ದರಿಂದ ಅದರ ಒಂದಕ್ಷರವೂ ಅಳಿಯಲಿಲ್ಲ. ವೇಷಧಾರಿ ಆ ರಾತ್ರಿ ಆಡದ ಮಾತು ಎಲ್ಲಿಯೂ ಉಳಿಯುವುದಿಲ್ಲ.

ಶಿಷ್ಯೆ: ಹಾಗಾದರೆ ನಾನೇನು ಮಾಡಲಿ? ನನ್ನ ನಾಟಕದಲ್ಲಿ ಸಂಭಾಷಣೆ ನನ್ನದು, ನಡೆ ನನ್ನದು, ಬೆಳಕೂ ನನ್ನದೇ.

ಮಾಷ್ಟ್ರು: ಕಾರಂತರ ಧೈರ್ಯ ಇಟ್ಟುಕೋ, ಅದು ದೊಡ್ಡದು. ಆದರೆ ಒಂದು ದೃಶ್ಯವನ್ನಾದರೂ ಬರೆಯದೆ ಬಿಡು. ಸಂದರ್ಭ ಮಾತ್ರ ಹೇಳು, ಮಾತು ನಟರೇ ಕಟ್ಟಲಿ. ಕೆಟ್ಟರೆ ಆ ಒಂದು ದೃಶ್ಯ ಕೆಡುತ್ತದೆ, ಅಷ್ಟೆ. ಮುಂದಿನ ಸಲ ಸುಳ್ಯದಲ್ಲಿ ಆಡುವಾಗ ಮಾಡಿ ನೋಡು, ನಾನೂ ಬರುತ್ತೇನೆ.